ತುಲಾರಾಶಿಯಲ್ಲಿ ಕಾಣದ ಬುಧ

ಉಬಾರುವಿನ ಮನೆತನದಲ್ಲಿ ಗಂಡುಮಗು ಹುಟ್ಟಿದರೆ ಮೂಗು ಯಾರದು, ಬಣ್ಣ ಯಾರದು ಎಂದು ಯಾರೂ ಕೇಳುತ್ತಿರಲಿಲ್ಲ. ಹಿರಿಯರು ತೊಟ್ಟಿಲ ಬಳಿ ಬಂದು ಎಳ್ಳೆಣ್ಣೆಯ ದೀಪವನ್ನು ಆಚೆಗೊಮ್ಮೆ ಈಚೆಗೊಮ್ಮೆ ಆಡಿಸಿ, ಮಗುವಿನ ಕಣ್ಣು ಅದರ ಹಿಂದೆ ಹೋಗುತ್ತದೆಯೇ ಎಂದು ನೋಡುತ್ತಿದ್ದರು. ಹೋದರೆ ಆಯಿತು, ಆ ಮಗುವಿನ ಬಾಳು ಅಲ್ಲಿಗೆ ತೀರ್ಮಾನವಾದಂತೆ. ದೊಡ್ಡವನಾಗಿ ಅವನು ದೇಗುಲದ ಮಾಳಿಗೆ ಹತ್ತಬೇಕು, ಆಕಾಶ ಕಾಯಬೇಕು, ಕಂಡದ್ದನ್ನು ಹಸಿಮಣ್ಣಿನ ಫಲಕದ ಮೇಲೆ ಜೊಂಡಿನ ಕಡ್ಡಿಯಿಂದ ಒತ್ತಿ ಬರೆಯಬೇಕು. ಕಾಯುವವನಿಗೆ ದೇಗುಲದ ಕಣಜದಿಂದ ಜವೆಗೋಧಿ, ಉಣ್ಣೆ, ಇರಲು ಮನೆ. ಕಾಯಲಾರದವನಿಗೆ ಏನೂ ಇಲ್ಲ. ಬ್ಯಾಬಿಲೋನಿನಲ್ಲಿ ದೋಣಿ ನಡೆಸುವವನ ಮಗ ಇಟ್ಟಿಗೆ ಸುಡಲು ಹೋಗಬಹುದಿತ್ತು, ಇಟ್ಟಿಗೆ ಸುಡುವವನ ಮಗ ಖರ್ಜೂರದ ತೋಟ ಸೇರಬಹುದಿತ್ತು. ಆಕಾಶ ಕಾಯುವವನ ಮಗನಿಗೆ ಮಾತ್ರ ಅಷ್ಟು ದೊಡ್ಡ ಆಕಾಶದ ಕೆಳಗೆ ಬೇರೆ ಜಾಗವಿರಲಿಲ್ಲ.

ಉಬಾರುವಿನ ಕಣ್ಣು ದೀಪದ ಹಿಂದೆ ಹೋಗಿತ್ತು. ತಂದೆ ಅವನಿಗೆ ಹನ್ನೆರಡು ರಾಶಿಗಳನ್ನು ಕಲಿಸಿದ್ದು ಬೈಗುಳದ ಜೊತೆಗೇ. ರಾಶಿಯನ್ನು ಆಕಾಶದಲ್ಲಿ ಹುಡುಕಬೇಡ, ಅಲ್ಲಿರುವುದು ಬರೀ ಚುಕ್ಕಿ ಎನ್ನುತ್ತಿದ್ದ ಆತ. ಚೇಳು ಉದ್ದ, ಏಡಿ ಗಿಡ್ಡ. ಆದರೂ ಲೆಕ್ಕಕ್ಕೆ ಸುಲಭವಾಗಲೆಂದು ಹಿರಿಯರು ಎಲ್ಲರಿಗೂ ಸಮಪಾಲು ಹಾಕಿಕೊಟ್ಟಿದ್ದಾರೆ, ಅಣ್ಣತಮ್ಮಂದಿರಿಗೆ ಹೊಲ ಹಂಚಿದ ಹಾಗೆ. ಬೇಲಿ ನಮ್ಮದು, ಹೊಲ ದೇವರದು. ಆ ಬೇಲಿಗಳ ನಡುವೆ ಓಡಾಡುವ ಗ್ರಹಗಳಲ್ಲಿ ಬುಧನದೇ ಕಾಟ. ಸೂರ್ಯನ ಸೆರಗು ಬಿಡದೆ ಕೆಲವು ದಿನ ಸಂಜೆ ಪಡುವಣದಲ್ಲಿ, ಕೆಲವು ದಿನ ಬೆಳಗಿನ ಜಾವ ಮೂಡಣದಲ್ಲಿ ಇಣುಕಿ ಮಾಯವಾಗುತ್ತಾನೆ. ಅದರಲ್ಲೂ ತುಲಾರಾಶಿಯಲ್ಲಿ ಅವನ ಸಂಜೆಯ ಸರದಿ ಬಂದರೆ ಮುಖವನ್ನೇ ತೋರಿಸುವುದಿಲ್ಲ. ಮುನಿಸಿಕೊಂಡ ಅಳಿಯನಂತೆ ಹಿತ್ತಿಲಿನಿಂದಲೇ ದಾಟಿಬಿಡುತ್ತಾನೆ. ಇದನ್ನು ತಲೆಮಾರುಗಳ ಕಣ್ಣು ನೋಡಿ ನೋಡಿ ಕಂಡುಕೊಂಡಿತ್ತು. ಕಾಯುವವನು ಬರೆಯಬಹುದಾದ ಮಾತುಗಳೂ ಕೆಲವೇ: ಕಂಡೆ, ಕಾಣಲಿಲ್ಲ, ಮೋಡವಿತ್ತು, ನಾನು ನೋಡಲಿಲ್ಲ. ಈ ಕೊನೆಯ ಮಾತನ್ನು ಬರೆಯಲು ನಾಚಬೇಡ ಎಂದು ತಂದೆ ಹೇಳಿದ್ದ. ಆದರೆ ಅದನ್ನು ಮೇಲಿಂದ ಮೇಲೆ ಬರೆದವನ ಜವೆಗೋಧಿಯನ್ನು ದೇಗುಲದ ಸಭೆ ನಿಲ್ಲಿಸುತ್ತದೆ ಎಂಬುದನ್ನು ಅವನು ಹೇಳಬೇಕಾಗಿರಲಿಲ್ಲ. ಓಣಿಯಲ್ಲಿ ಎಲ್ಲರಿಗೂ ಗೊತ್ತಿತ್ತು.

ನಡುವಯಸ್ಸಿನವರೆಗೆ ಉಬಾರುವಿಗೆ ಆ ಮಾತಿನ ಅಗತ್ಯ ಬೀಳಲಿಲ್ಲ. ಮುಸ್ಸಂಜೆಯ ಕೆಂಪಿನಿಂದ ಬುಧನನ್ನು ಹೆಕ್ಕಿ ತೆಗೆಯುವುದು ಅವನಿಗೆ ಜವೆಯಿಂದ ಕಲ್ಲು ಹೆಕ್ಕಿದಷ್ಟೇ ಸಲೀಸು. ಊರಿನಲ್ಲಿ ಅವನ ಕಣ್ಣಿಗೊಂದು ಹೆಸರಿತ್ತು. ಹೆಣ್ಣುಮಕ್ಕಳಿಬ್ಬರನ್ನು ಮದುವೆ ಮಾಡಿ ಕೊಟ್ಟದ್ದೂ ಆ ಹೆಸರಿನ ಬಲದಿಂದಲೇ. ಆಮೇಲೆ ಒಂದು ಚಳಿಗಾಲ ಚಂದ್ರನಿಗೆ ಎರಡು ಅಂಚು ಕಾಣತೊಡಗಿದವು. ಮುಂದಿನ ಚಳಿಗಾಲದ ಹೊತ್ತಿಗೆ ಚಂದ್ರ ನೆನೆದ ಉಣ್ಣೆಯ ಮುದ್ದೆಯಂತಾದ. ಸಣ್ಣ ಚುಕ್ಕಿಗಳು ಒಂದೊಂದಾಗಿ, ಹೇಳದೆ ಕೇಳದೆ ಹೊರಟುಹೋದವು. ಕಣ್ಣಿಗೆ ಪೊರೆ ಇಳಿಯುತ್ತಿತ್ತು. ವೈದ್ಯ ತಾಮ್ರದ ಪುಡಿಯನ್ನು ಎಣ್ಣೆಯಲ್ಲಿ ಕಲಸಿ ಹಚ್ಚಿದ; ಉರಿ ಹೆಚ್ಚಾಯಿತು, ಬೆಳಕು ಹೆಚ್ಚಲಿಲ್ಲ.

ಮೊದಲ ಸುಳ್ಳನ್ನು ಅವನು ಯೋಚಿಸಿ ಹೇಳಿದ್ದಲ್ಲ. ಅವನೊಡನೆ ಸರದಿಯಂತೆ ಕಾಯುವವನು ಅವನ ಚಿಕ್ಕಪ್ಪನ ಮಗ ಝೇರಿಯಾ. ಒಂದು ಸಂಜೆ ಸರದಿ ಬದಲಿಸಲು ಬಂದು ಶುಕ್ರ ಕಂಡನೇ ಎಂದು ಅವನು ಕೇಳಿದಾಗ, ಇಂದು ಕಾಣಲೇಬೇಕಲ್ಲ ಎಂಬ ಲೆಕ್ಕದಿಂದ ಉಬಾರು ಕಂಡಿತು ಎಂದ. ಝೇರಿಯಾ ಅತ್ತ ತಿರುಗಿ, ಹೌದು, ಅಲ್ಲೇ ಇದೆ ಎಂದು ಹಿಗ್ಗಿದ. ಲೆಕ್ಕ ಇಷ್ಟು ಸರಿಯಾಗಿ ಕೂಡುವುದಾದರೆ ಕಣ್ಣಿನ ಕೆಲಸವೇನು ಎಂದು ಉಬಾರುವಿಗೆ ಅನ್ನಿಸಿದ್ದು ಅಂದೇ. ಹಳೆಯ ಫಲಕಗಳನ್ನು ಓದಲು ಅವನಿಂದ ಆಗುತ್ತಿರಲಿಲ್ಲ. ಆದ್ದರಿಂದ ಗ್ರಹ ಕಳೆದ ಸಲ ಕಂಡ ದಿನದಿಂದ ಮುಂದಿನದನ್ನು ಮನಸ್ಸಿನಲ್ಲೇ ಎಣಿಸುತ್ತಿದ್ದ. ಆದರೆ ಕಳೆದ ಸಲವೂ ಅವನು ಕಂಡಿರಲಿಲ್ಲ, ಎಣಿಸಿದ್ದ. ಅದರ ಹಿಂದಿನ ಸಲವೂ ಅಷ್ಟೇ. ಹೀಗೆ ಕಾಣದ ದಿನದ ಮೇಲೆ ಕಾಣದ ದಿನವನ್ನು ಇಟ್ಟು ಅವನು ತನ್ನ ತಲೆಯೊಳಗೆ ಇನ್ನೊಂದು ಆಕಾಶವನ್ನೇ ಕಟ್ಟಿಕೊಂಡ. ಇಬ್ಬರ ಕಾಯುವ ಸರದಿ ಬೇರೆಬೇರೆಯಾದ್ದರಿಂದ ಎರಡು ಆಕಾಶಗಳನ್ನು ಪಕ್ಕಪಕ್ಕ ಇಟ್ಟು ನೋಡುವವರು ಯಾರೂ ಇರಲಿಲ್ಲ. ಪ್ರತಿ ತಿಂಗಳೂ ಹೇಳಿಬಿಡಬೇಕು ಎಂದುಕೊಳ್ಳುತ್ತಿದ್ದ. ಪ್ರತಿ ತಿಂಗಳೂ ಕಣಜದಿಂದ ಜವೆ ಬರುತ್ತಿತ್ತು.

ಹೆಂಡತಿ ಕಶ್ಶಾಯಾಳಿಗೆ ಮಾತ್ರ ಗೊತ್ತಿತ್ತು. ರೊಟ್ಟಿಯ ಬುಟ್ಟಿ ಹೊರುವ ನೆವದಲ್ಲಿ ಅವನನ್ನು ಮಾಳಿಗೆಯ ಮೆಟ್ಟಿಲವರೆಗೆ ನಡೆಸಿಕೊಂಡು ಹೋಗುತ್ತಿದ್ದವಳು ಅವಳೇ. ದಾರಿಯುದ್ದಕ್ಕೂ ಅವಳ ನಾಲಿಗೆ ಸುಮ್ಮನಿರುತ್ತಿರಲಿಲ್ಲ.

"ಊರಿಗೆಲ್ಲ ಗ್ರಹ ತೋರಿಸ್ತೀರಿ, ಮನೇಲಿ ಉಪ್ಪಿನ ಗಡಿಗೆ ಎಲ್ಲಿದೆ ಅಂತ ನನ್ನ ಕೇಳ್ತೀರಿ," ಎನ್ನುತ್ತಿದ್ದಳು. "ನಾಳೆ ಅದನ್ನೂ ಎಣಿಸಿ ಹೇಳಿ, ನೋಡೋಣ."

ಆ ವರ್ಷದ ತಶ್ರೀತು ತಿಂಗಳು, ಖರ್ಜೂರದ ಗೊನೆ ಇಳಿಸುವ ಕಾಲ. ಊರನ್ನು ಆಳುತ್ತಿದ್ದ ಯವನ ಅಧಿಕಾರಿಯ ಹೆಂಡತಿ ಒಂದು ಸಂಜೆ ಗಂಡುಮಗುವನ್ನು ಹೆತ್ತಳು. ಯವನರಿಗೆ ನಮ್ಮ ದೇವರುಗಳಲ್ಲಿ ಭಕ್ತಿ ಇತ್ತೋ ಇಲ್ಲವೋ, ನಮ್ಮ ಜಾತಕದಲ್ಲಿ ಮಾತ್ರ ಅಪಾರ ನಂಬಿಕೆ. ಮಗು ಅತ್ತ ಗಳಿಗೆಯಲ್ಲಿ ಯಾವ ಗ್ರಹ ಯಾವ ರಾಶಿಯಲ್ಲಿತ್ತು ಎಂದು ಕೇಳಲು ಆಳು ಓಡಿಬಂದ. ದೇಗುಲದ ಯಜಮಾನ ಮುಶೇಝಿಬ್ ತಾನೇ ಮಾಳಿಗೆ ಹತ್ತಿದ. ಭಾರಿ ಮೈಯ ಮನುಷ್ಯ; ಮೇಲೆ ಬರುವಷ್ಟರಲ್ಲಿ ಏದುಸಿರು ಬಿಡುತ್ತಿದ್ದ. ಅಂದು ಉಬಾರು, ಝೇರಿಯಾ ಇಬ್ಬರೂ ಅಲ್ಲಿದ್ದರು. ಯಜಮಾನ ಕೇಳಿದ್ದು ಹಿರಿಯನನ್ನು. ತಲೆಯೊಳಗಿನ ಎಣಿಕೆಯ ಪ್ರಕಾರ ಬುಧ ವೃಶ್ಚಿಕದೊಳಕ್ಕೆ ಸಾಕಷ್ಟು ದೂರ ಬಂದು, ಇಂದೇ ಕಾಣಿಸಿಕೊಳ್ಳಬೇಕಿತ್ತು. ಉಬಾರು ಪಡುವಣಕ್ಕೆ ಬೆರಳು ಚಾಚಿ, ವೃಶ್ಚಿಕದಲ್ಲಿ ಈಗ ತಾನೇ ಎದ್ದಿದ್ದಾನೆ ಎಂದ. ಯಜಮಾನ ಬೆರಳಿನ ತುದಿಯಿಂದಾಚೆಗೆ ಕಣ್ಣು ಕಿರಿದು ಮಾಡಿ ನೋಡಿ, ಹೌದು, ಹೌದು, ಕಾಣುತ್ತಿದೆ ಎಂದ. ಝೇರಿಯಾ ಕತ್ತಲಾಗುವವರೆಗೂ ನೋಡಿದ. ಕೆಳಗಿಳಿದು ತನ್ನ ಫಲಕದಲ್ಲಿ ಬರೆದ: ಆಕಾಶ ಶುಭ್ರವಾಗಿತ್ತು, ಬುಧ ಕಾಣಲಿಲ್ಲ.

ಜಾತಕ ಸಿದ್ಧವಾಯಿತು. ಮಗು ಹುಟ್ಟಿದ ಗಳಿಗೆಯಲ್ಲೇ ಬುಧ ತಲೆಯೆತ್ತಿದ್ದರಿಂದ ಹುಡುಗ ಅಕ್ಷರದಲ್ಲಿ, ಬುದ್ಧಿಯಲ್ಲಿ ಎಲ್ಲರನ್ನೂ ಮೀರಿಸುತ್ತಾನೆ ಎಂದು ಹೇಳಲಾಯಿತು. ಆ ಮಗುವಿನ ಭವಿಷ್ಯ ಬುಧನಿಗೆ ಗೊತ್ತಿತ್ತೋ ಇಲ್ಲವೋ. ಬುಧ ಎಲ್ಲಿದ್ದಾನೆಂಬುದಂತೂ ಭವಿಷ್ಯ ಹೇಳಿದವರಿಗೆ ಗೊತ್ತಿರಲಿಲ್ಲ. ಅಧಿಕಾರಿ ದೇಗುಲಕ್ಕೆ ಹೋರಿಗಳನ್ನು ಕಳಿಸಿದ, ಉಬಾರುವಿಗೆ ಯವನರ ನಿಲುವಂಗಿಯೊಂದನ್ನು. ಕಶ್ಶಾಯಾ ಅದರ ಅಂಚನ್ನು ಬೆರಳಲ್ಲಿ ಉಜ್ಜಿ ನೋಡಿ, ಇದನ್ನು ತೊಟ್ಟುಕೊಂಡು ಯಾವ ಗೋಡೆಗೆ ಡಿಕ್ಕಿ ಹೊಡೆಯುತ್ತೀರಿ ಎಂದಳು.

ಗೊನೆಗಳೆಲ್ಲ ಇಳಿದು ಮುಗಿದ ಮೇಲೆ, ಒಂದು ಬೆಳಗ್ಗೆ ಝೇರಿಯಾ ಮಾಳಿಗೆಯಿಂದ ನೇರವಾಗಿ ಅಣ್ಣನ ಮನೆಗೆ ಬಂದ. ಕಶ್ಶಾಯಾ ಆಳ್ವಿಬೀಜ ಅರೆಯುತ್ತಿದ್ದಳು. ಉಬಾರು ಒಳಮನೆಯ ಅರೆಗತ್ತಲಲ್ಲಿ ಕೂತಿದ್ದ. ಝೇರಿಯಾ ನೀರನ್ನೂ ಕೇಳಲಿಲ್ಲ.

"ಅಣ್ಣ, ಇವತ್ತು ಬುಧ ಮೂಡಣದಲ್ಲಿ ಎದ್ದ," ಎಂದ. "ನಿನ್ನ ಮಾತಿನ ಪ್ರಕಾರ ಅವನಿನ್ನೂ ಪಡುವಣದಲ್ಲಿರಬೇಕು. ಒಬ್ಬನೇ ಎರಡು ಮನೇಲಿ ಹೇಗಿರ್ತಾನೆ?"

ಅರೆಯುವ ಕಲ್ಲಿನ ಸದ್ದು ನಿಂತಿತು. ಉಬಾರುವಿಗೆ ಒಡನೆಯೇ ಎಲ್ಲವೂ ತಿಳಿಯಿತು. ಬುಧ ಆ ಸಂಜೆ ವೃಶ್ಚಿಕವನ್ನು ಮುಟ್ಟಿಯೇ ಇರಲಿಲ್ಲ. ಅವನ ಸಂಜೆಯ ಸರದಿ ತುಲಾರಾಶಿಯಲ್ಲೇ ಶುರುವಾಗಿ, ಯಾರ ಕಣ್ಣಿಗೂ ಬೀಳದೆ ಮುಗಿದುಹೋಗಿತ್ತು. ಕಲಿಯುವ ಹುಡುಗರಿಗೂ ಗೊತ್ತಿರುವ ಸಂಗತಿ. ಎಣಿಕೆ ವರ್ಷಗಳಿಂದ ಇಷ್ಟಿಷ್ಟೇ ಜಾರುತ್ತ ಬಂದು ಗ್ರಹವನ್ನು ಒಂದು ಬೇಲಿ ದಾಟಿಸಿತ್ತು.

ಝೇರಿಯಾ ಮಾತು ಮುಂದುವರಿಸಿದ. ತನ್ನ ಫಲಕವನ್ನು ಯಜಮಾನ ಓದಿಸಿ ಕೇಳಿದ್ದಾನೆ, ಕಾಯುವವರಿಬ್ಬರಲ್ಲಿ ಒಬ್ಬನಿಗೆ ಕಾಯಲು ಬರುವುದಿಲ್ಲ ಎಂದಿದ್ದಾನೆ, ನಾಳೆ ಸಭೆ ಸೇರುತ್ತದೆ. ಆ ಒಬ್ಬ ಯಾರೆಂದು ಎಲ್ಲರೂ ಆಗಲೇ ಅಂದುಕೊಂಡಾಗಿದೆ, ಉಬಾರುವಿನ ಕಣ್ಣನ್ನು ಅನುಮಾನಿಸುವವರಾರು. ಇಷ್ಟು ಹೇಳಿ ಅವನು ಕೈ ಮುಂದೆ ಚಾಚಿದ.

"ನನ್ನ ಕೈಯಲ್ಲಿ ಏನಿದೆ ಹೇಳು, ಅಣ್ಣ."

ಉಬಾರು, "ನಿನ್ನ ಫಲಕ," ಎಂದ.

ಕೈ ಬರಿದಾಗಿತ್ತು. ಝೇರಿಯಾ ಅದನ್ನು ಮೆಲ್ಲಗೆ ಹಿಂದಕ್ಕೆ ತೆಗೆದುಕೊಂಡು ನೆಲದ ಮೇಲೆ ಕುಳಿತುಬಿಟ್ಟ. ಎಷ್ಟು ಕಾಲವಾಯಿತು ಎಂದು ಕೇಳಿದ್ದು ಅತ್ತಿಗೆಯನ್ನು.

"ನಿನ್ನ ದೊಡ್ಡ ಮಗ ಹುಟ್ಟೋಕೆ ಮುಂಚಿನಿಂದ," ಎಂದಳು ಕಶ್ಶಾಯಾ. "ಈಗ ಅವನು ಕತ್ತೆ ಮೇಲೆ ಕೂತು ಓಡಾಡ್ತಾನೆ."

ಝೇರಿಯಾ ಬೈಯಲಿಲ್ಲ. ಬೈದಿದ್ದರೆ ಸಲೀಸಾಗುತ್ತಿತ್ತು. ಮಕ್ಕಳು ಇನ್ನೂ ಸಣ್ಣವರು, ಮನೆ ದೇಗುಲದ್ದು, ಬೇರೆ ಕೆಲಸ ಕಲಿತಿಲ್ಲ ಎಂದಷ್ಟೇ ಹೇಳಿ ಎದ್ದುಹೋದ. ಅದನ್ನು ಉಬಾರುವಿಗೆ ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ. ಅದು ಅವನದೇ ಬಾಳಿನ ವರ್ಣನೆ. ತಾನು ಬಾಯಿ ಮುಚ್ಚಿದ್ದರೆ ಕಣ್ಣಿದ್ದವನು ಬೀದಿಗೆ ಬೀಳುತ್ತಾನೆ. ಬಾಯಿ ಬಿಟ್ಟರೆ ತಾನು. ಯಜಮಾನನ ಬಳಿಗೆ ಕರೆದುಕೊಂಡು ಹೋಗು ಎಂದು ಹೆಂಡತಿಗೆ ಹೇಳಿದ.

ಕಶ್ಶಾಯಾ ಸೆರಗು ಸರಿಮಾಡಿಕೊಂಡಳು. "ಹೋಗೋಣ ಬನ್ನಿ. ಮನೆ ಹೋದ್ರೆ ಹೋಗ್ಲಿ, ತಂಗಿ ಊರಲ್ಲಿ ಆಡು ಕಾಯೋಣ. ಆಡಾದ್ರೆ ಎಲ್ಲಿದೀನಿ ಅಂತ ತಾನೇ ಕೂಗಿ ಹೇಳುತ್ತೆ."

ಉಬಾರು ನಕ್ಕ. ಓಣಿಯಲ್ಲಿ ನಡೆಯುವಾಗ ಅವಳ ತೋಳನ್ನು ಎಲ್ಲರೆದುರಿಗೇ ಹಿಡಿದುಕೊಂಡ. ವರ್ಷಗಳಿಂದ ಹಾಗೆ ಹಿಡಿದಿರಲಿಲ್ಲ. ಬಾಗಿಲೊಂದು ಎಲ್ಲೋ ತೆರೆದಂತೆ ಮೈ ಹಗುರಾಗಿತ್ತು.

ಯಜಮಾನ ಖರ್ಜೂರ ತಿನ್ನುತ್ತಿದ್ದ. ಉಬಾರು ಎಲ್ಲವನ್ನೂ ಹೇಳಿದ: ಪೊರೆ, ಎಣಿಕೆ, ತುಲಾರಾಶಿ. ಝೇರಿಯಾ ಬರೆದದ್ದೇ ನಿಜ, ತನ್ನನ್ನು ಕೆಲಸದಿಂದ ತೆಗೆದು ಅವನನ್ನು ಉಳಿಸಬೇಕು ಎಂದು ಬೇಡಿದ. ಯಜಮಾನ ಬೀಜವನ್ನು ಬಟ್ಟಲಿಗೆ ಉಗುಳುವ ಸದ್ದು ಒಂದೆರಡು ಸಲ ಕೇಳಿತು. ಆಮೇಲೆ ಅವನು ಕೋಪವಿಲ್ಲದ ದನಿಯಲ್ಲಿ ಮಾತಾಡಿದ.

"ಆ ಸಂಜೆ ನಿನ್ನ ಜೊತೆ ನಾನೂ ನೋಡಿದೆ. ಕಂಡಿತು ಅಂತ ಅಧಿಕಾರಿಯ ಮುಂದೆ ಆಣೆ ಇಟ್ಟು ಹೇಳಿದ್ದೀನಿ. ನೀನು ಕುರುಡನಾದ್ರೆ ನಾನು ಸುಳ್ಳುಗಾರ. ಅದಕ್ಕೇ ನೀನು ಕುರುಡನಲ್ಲ, ತಿಳೀತಾ."

ಉಬಾರು ಬಿಡಲಿಲ್ಲ. "ಯಜಮಾನ್ರೆ, ನಾಳೆ ಬರೋರು ಆ ದಿನದಿಂದ ಎಣಿಸ್ತಾರೆ. ಎಲ್ಲಾ ತಪ್ಪಾಗುತ್ತೆ."

"ಎಣಿಸ್ಲಿ. ಆಗ ನಾನೂ ಇರಲ್ಲ, ನೀನೂ ಇರಲ್ಲ."

ಹೋರಿಗಳು ಬಲಿಯಾಗಿ ಹೋಗಿದ್ದವು, ಅವನ್ನು ಹಿಂದಿರುಗಿಸುವಂತಿರಲಿಲ್ಲ. ತೀರ್ಮಾನವನ್ನು ಯಜಮಾನ ಅಲ್ಲೇ ಹೇಳಿದ. ಝೇರಿಯಾ ಉಳಿಯಬಹುದು, ಆದರೆ ಅವನ ಆ ಫಲಕ ಉಳಿಯಕೂಡದು. ಉಬಾರು ಜೀವವಿರುವವರೆಗೂ ಮಾಳಿಗೆ ಹತ್ತಬೇಕು, ಕಾಣುತ್ತದೆ ಎನ್ನಬೇಕು. ಇನ್ನು ಮೇಲೆ ಇಬ್ಬರದೂ ಒಂದೇ ಸರದಿ: ಹಿರಿಯ ಹೇಳುವುದು, ಕಿರಿಯ ಬರೆಯುವುದು. ಉಬಾರು ಮಾಳಿಗೆ ಬಿಟ್ಟ ದಿನ ಝೇರಿಯಾನ ಜವೆಯೂ ನಿಲ್ಲುತ್ತದೆ.

ನಮ್ಮಲ್ಲಿ ಮಾಳಿಗೆಯ ಫಲಕಗಳನ್ನು ಸುಡುವುದಿಲ್ಲ, ಒಣಗಿಸುತ್ತೇವೆ ಅಷ್ಟೆ. ನೀರಿನಲ್ಲಿಟ್ಟರೆ ಬರಹ ಮತ್ತೆ ಮಣ್ಣಾಗುತ್ತದೆ. ಅಂಗಳದಲ್ಲಿ ಮಣ್ಣು ನೆನೆಸುವ ತೊಟ್ಟಿ ಇತ್ತು. ಯಜಮಾನ ಆ ಕೆಲಸವನ್ನು ಉಬಾರುವಿನ ಕೈಯಿಂದಲೇ ಮಾಡಿಸಿದ. ಫಲಕವನ್ನು ತಂದು ಅಣ್ಣನ ಅಂಗೈಯಲ್ಲಿಟ್ಟವನು ಝೇರಿಯಾ. ಉಬಾರು ಹೆಬ್ಬೆರಳಿನಿಂದ ಸಾಲುಗಳನ್ನು ತಡವಿದ. ಚೊಕ್ಕ ಕೈಬರಹ, ಒಂದೊಂದು ಗೆರೆಯೂ ಹದವಾಗಿ ಒತ್ತಿದ್ದು. ಕಾಣಲಿಲ್ಲ ಎಂದು ಇರಬೇಕಾದ ಕಡೆ ಬೆರಳು ನಿಂತಿತು. ನೀರಿನಲ್ಲಿಟ್ಟ ಮೇಲೂ ಆ ಗೆರೆಗಳು ಸ್ವಲ್ಪ ಹೊತ್ತು ಗಟ್ಟಿಯಾಗಿಯೇ ಇದ್ದವು. ಆಮೇಲೆ ಅಂಚಿನಿಂದ ಸಡಿಲವಾಗಿ, ಬೆರಳ ಸಂದಿಯಿಂದ ಜಾರತೊಡಗಿದವು. ಪೂರ್ತಿ ಕರಗುವವರೆಗೂ ಅವನು ಕಲಸಬೇಕಾಯಿತು.

ಅಂದಿನ ಸಂಜೆಯೇ ಇಬ್ಬರೂ ಮಾಳಿಗೆಯ ಮೇಲಿದ್ದರು. ಗಾಳಿ ಬಡಗಿನಿಂದ ಬೀಸುತ್ತಿತ್ತು. ಕೆಳಗೆ ಯಾರದೋ ಮನೆಯಲ್ಲಿ ಮೀನು ಹುರಿಯುವ ವಾಸನೆ. ಉಬಾರುವಿನ ಮುಖದ ಮೇಲೆ ಬಿಸಿಲಿನ ಬಿಸುಪು ಆರಿತು. ಸೂರ್ಯ ಮುಳುಗಿದನೆಂದು ಅವನಿಗೆ ತಿಳಿದದ್ದು ಅಷ್ಟರಿಂದ. ಪಕ್ಕದಲ್ಲಿ ಹಸಿಮಣ್ಣು ತಟ್ಟುವ ಸದ್ದು ನಿಂತು, ಜೊಂಡಿನ ಕಡ್ಡಿ ಕಾಯುತ್ತಿತ್ತು.

"ಶುಕ್ರ ಮಕರದಲ್ಲಿ," ಎಂದ ಉಬಾರು. ಕಡ್ಡಿ ಮಣ್ಣಿಗಿಳಿಯಿತು. ಆಮೇಲೆ ಕೇಳಿದ, "ಇದೆಯಾ ಅಲ್ಲಿ? ನೋಡಿ ಹೇಳು, ಝೇರಿಯಾ. ನಮ್ಮಿಬ್ಬರಲ್ಲೇ ಇರುತ್ತೆ."

ಝೇರಿಯಾ ಬರೆಯುತ್ತಲೇ ಇದ್ದ.

"ನಾನು ತಲೆ ಎತ್ತಿಲ್ಲ, ಅಣ್ಣ," ಎಂದ. "ಮುಂದಕ್ಕೆ ಹೇಳು."