ನೂಲು ಸುತ್ತುವ ದಿಕ್ಕು

ಅಪ್ಪನ ಲೈಸೆನ್ಸಿನ ಅವಧಿ ಮಾರ್ಚ್ ಕೊನೆಗೆ ಮುಗಿಯುವುದಿತ್ತು. ಸೇನೆಯ ಇಂಜಿನಿಯರ್ ದಳದಿಂದ ನಿವೃತ್ತರಾದ ಮೇಲೆ ಅವರು ಹಾಸನಕ್ಕೆ ಮರಳದೆ ದೆಹಲಿಯ ರೋಹಿಣಿಯಲ್ಲೇ ಉಳಿದು ಪ್ಲಂಬಿಂಗ್ ಗುತ್ತಿಗೆ ಹಿಡಿದಿದ್ದರು. ಹೊಸ ಮನೆಗೆ ನೀರಿನ ಸಂಪರ್ಕ ಬೇಕೆಂದರೆ ಅರ್ಜಿಯಲ್ಲಿ ಲೈಸೆನ್ಸ್ ಇರುವವರ ಸಹಿ ಬೀಳಬೇಕು. ಎರಡು ವರ್ಷದಿಂದ ಅಪ್ಪನ ಬಲಗೈ ನಡುಗುತ್ತಿತ್ತು. ಒಂದೇ ಅರ್ಜಿಯಲ್ಲಿ ಮೂರು ಕಡೆ ಮೂರು ಬಗೆಯ ಸಹಿ ಇದೆಯೆಂದು ಗುಮಾಸ್ತ ಕಾಗದ ವಾಪಸ್ ಕೊಟ್ಟ ದಿನ ಅವರು ನನಗೆ ಹೇಳಿದ್ದು ಇಷ್ಟೇ: "ಲೈಸೆನ್ಸ್ ನೀನು ತಗೊಂಡ್ರೆ ಕೆಲಸ ನಡೆಯುತ್ತೆ. ಇಲ್ಲಾಂದ್ರೆ ಏಪ್ರಿಲ್‌ಗೆ ಮುಚ್ಚಿಬಿಡೋಣ. ಬಲವಂತ ಏನಿಲ್ಲ."

ಬಲವಂತ ಇಲ್ಲ ಎಂಬ ಮಾತೇ ನನಗೆ ಭಾರವಾಯಿತು. ಮುಚ್ಚಿದರೆ ಅಪ್ಪ ಮನೆಯಲ್ಲಿ ಕೂರಬೇಕು, ಚಾಚಾ ಹೋಗಬೇಕು. ಚಾಚಾ ಅಂದರೆ ಅಪ್ಪನ ಮಿಸ್ತ್ರಿ, ಪೈಪು ಕೆಲಸದಲ್ಲಿ ಪಳಗಿದವರು. ನಾನು ಶಾಲೆಗೆ ಸೇರುವ ಮೊದಲಿಂದ ನಮ್ಮ ಜೊತೆಗಿರುವವರು, ನನ್ನನ್ನು ಬಿಟಿಯಾ, ಮಗಳೇ, ಎಂದೇ ಕರೆಯುವವರು. ಫರೀದಾಬಾದಿನ ಗುತ್ತಿಗೆದಾರನೊಬ್ಬ ಆಗಲೇ ಅವರನ್ನು ಕರೆಯುತ್ತಿದ್ದ.

ನನ್ನದು ಸಿವಿಲ್ ಇಂಜಿನಿಯರಿಂಗ್ ಪದವಿ. ಲಿಖಿತ ಪರೀಕ್ಷೆ ಕಷ್ಟವಾಗಲಿಲ್ಲ. ಹೆದರಿಕೆ ಇದ್ದದ್ದು ಕೈಕೆಲಸದ ಪರೀಕ್ಷೆಯದು. ಎರಡು ಕಬ್ಬಿಣದ ಪೈಪುಗಳನ್ನು ಸಾಕೆಟ್ ಹಾಕಿ, ಅಂದರೆ ಒಳಗೆ ತಿರುಪಿರುವ ಗಿಡ್ಡ ಕೊಳವೆ ಹಾಕಿ, ಜೋಡಿಸಬೇಕು. ಅದರೊಳಗೆ ಪಂಪಿನಿಂದ ಒತ್ತಡದಲ್ಲಿ ನೀರು ತುಂಬುತ್ತಾರೆ. ಹತ್ತು ನಿಮಿಷ ಮೀಟರಿನ ಮುಳ್ಳು ಇಳಿಯಬಾರದು.

ಕಲಿಸಿದ್ದು ಚಾಚಾ. ಕಟ್ಟುತ್ತಿದ್ದ ಮನೆಯೊಂದರ ಮೂರನೇ ಮಹಡಿಯಲ್ಲಿ ಎರಡು ಬಕೆಟ್ ಬೋರಲು ಹಾಕಿ ಎದುರುಬದುರು ಕೂತೆವು. ಪೈಪಿನ ತುದಿಯ ತಿರುಪಿನ ಗೆರೆಗಳ ಮೇಲೆ ಅವರು ಹತ್ತಿಯ ನೂಲು ಸುತ್ತಿದರು, ಮೇಲೆ ನೀರು ಸೋರದಂತೆ ಸಫೇದಾ ಎಂಬ ಬಿಳಿ ಲೇಪ ಬಳಿದರು, ಸಾಕೆಟ್ ಹಾಕಿ ಬಿಗಿ ಮಾಡಿದರು. "ಬಿಟಿಯಾ, ಕೈ ನೋಡು, ಮುಖ ನೋಡಬೇಡ," ಎಂದರು. ನಾನು ಕೈಯನ್ನೇ ನೋಡಿದೆ. ಆದರೆ "ಈಗ ನೀನು ಮಾಡು" ಎಂದಾಗ, ಮನೆಯಲ್ಲಿ ಮಾಡುತ್ತೇನೆ ಎಂದೆ. ಬರದ ಕೆಲಸವನ್ನು ಇನ್ನೊಬ್ಬರ ಮುಂದೆ ಮಾಡುವುದು ನನಗೆ ಚಿಕ್ಕಂದಿನಿಂದಲೂ ಆಗದು.

ಬಾಲ್ಕನಿಯ ಬಾಗಿಲು ಹಾಕಿಕೊಂಡು ಹನ್ನೊಂದು ಜೋಡಣೆ ಮಾಡಿದೆ. ಬಿಗಿ ಮಾಡುವಾಗ ಸಾಕೆಟ್ಟಿನ ಬಾಯಿಂದ ಒಂದಿಷ್ಟು ನೂಲು ಹೊರಗೆ ಬರುತ್ತಿತ್ತು. ಹೆಚ್ಚಾದದ್ದು ಬರುತ್ತಿದೆ ಎಂದುಕೊಂಡು ಬ್ಲೇಡಿನಿಂದ ಸಮನಾಗಿ ಕತ್ತರಿಸುತ್ತಿದ್ದೆ. ಶೆಲ್ಫಿನಲ್ಲಿ ಸಾಲಾಗಿ ಇಟ್ಟದ್ದನ್ನು ಅಪ್ಪ ನೋಡಿ, "ಅಂಗಡೀಲಿ ಇಟ್ಟ ಹಾಗಿದೆ," ಎಂದರು. ಒಂದರಲ್ಲೂ ನೀರು ಹಾಯಿಸಿರಲಿಲ್ಲ.

ಪರೀಕ್ಷೆ ಕಚೇರಿಯ ಹಿಂದಿನ ಶೆಡ್ಡಿನಲ್ಲಿ. ಹನ್ನೆರಡು ಗಂಡಸರು, ನಾನು. ಪಕ್ಕದವನು, "ಮೇಡಂ, ಅರ್ಜಿ ಕೊಡೋ ಕೌಂಟರ್ ಮುಂದಗಡೆ ಇದೆ," ಎಂದ.

"ನಾನೂ ಪರೀಕ್ಷೆಗೇ ಬಂದಿದ್ದೀನಿ."

"ಅಚ್ಛಾ," ಎಂದು ತನ್ನ ಚೀಲ ಸರಿಸಿ ಜಾಗ ಬಿಟ್ಟ.

ನೂಲು ಹೊರಗೆ ಬಂತು. ಕತ್ತರಿಸಿದೆ. ವಯಸ್ಸಾದ ಪರೀಕ್ಷಕರು ನೀರು ತುಂಬಿದರು. ಮುಳ್ಳು ಏರಿತು, ಒಂದು ಕ್ಷಣ ನಿಂತು ಇಳಿಯತೊಡಗಿತು. ಸಾಕೆಟ್ಟಿನ ಕೆಳಗೆ ಒಂದು ಹನಿ ಕೂಡಿತು, ಬಿತ್ತು, ಇನ್ನೊಂದು ಕೂಡಿತು.

"ಬ್ಲೇಡ್ ಮನೆಯಿಂದ ತಂದದ್ದಾ?" ಅವರು ಕೇಳಿದರು. ತಲೆಯಾಡಿಸಿದೆ. "ಒಳಗೆ ಇರಬೇಕಾದ್ದನ್ನೇ ಕತ್ತರಿಸಿ ಕಸಕ್ಕೆ ಹಾಕಿದ್ದೀಯ. ಮುಂದಿನ ಮಂಗಳವಾರ ಇನ್ನೊಂದು ಸಲ ಬಾ. ಅದೂ ತಪ್ಪಿದರೆ ಜೂನ್."

ಜೂನ್ ಎಂದರೆ ಮುಚ್ಚಿದ ಹಾಗೆಯೇ. ಮನೆಯಲ್ಲಿ, "ಮಂಗಳವಾರ ಗೊತ್ತಾಗುತ್ತೆ," ಎಂದೆ. ಸುಳ್ಳಲ್ಲ ಎಂದು ನನಗೆ ನಾನೇ ಹೇಳಿಕೊಂಡೆ. ಎರಡು ದಿನ ಬಾಲ್ಕನಿಯಲ್ಲಿ ನೂಲು ಹೆಚ್ಚು ಸುತ್ತಿ ನೋಡಿದೆ, ಕಡಿಮೆ ಸುತ್ತಿ ನೋಡಿದೆ. ಹೊರಗೆ ಬರುವುದು ನಿಲ್ಲಲಿಲ್ಲ. ಮೂರನೆಯ ದಿನ ಪೈಪು, ನೂಲು ಚೀಲಕ್ಕೆ ಹಾಕಿಕೊಂಡು ಚಾಚಾ ಇದ್ದಲ್ಲಿಗೆ ಹೋಗಿ, ಮೊದಲ ಸಲ ಫೇಲಾದದ್ದನ್ನು ಹೇಳಿದೆ.

"ಸುತ್ತು, ನೋಡ್ತೀನಿ," ಎಂದರು.

ಎರಡು ಸುತ್ತು ಮುಗಿಯುವುದರೊಳಗೆ ಅವರು ಬೀಡಿ ಕೆಳಗೆ ಬೀಳುವಷ್ಟು ನಕ್ಕರು. "ಅರೇ, ಉಲ್ಟಾ! ಎದುರಿಗೆ ಕೂತು ನನ್ನನ್ನ ಕನ್ನಡಿ ನೋಡಿದ ಹಾಗೆ ನೋಡಿದ್ದೀಯ. ಸಾಕೆಟ್ ಯಾವ ಕಡೆ ತಿರುಗುತ್ತೋ ನೂಲೂ ಅದೇ ಕಡೆ. ಇಲ್ಲದಿದ್ರೆ ಬಿಗಿ ಮಾಡಿದಷ್ಟೂ ಬಿಚ್ಚಿಕೊಂಡು ಹೊರಗೆ ಬರುತ್ತೆ."

ಸುತ್ತಿದ್ದನ್ನು ಬಿಚ್ಚಿದೆ.

"ಒಂದೇ ಒಂದು ಸಲ ನನ್ನ ಮುಂದೆ ಮಾಡಿದ್ದರೆ ಮೊದಲ ದಿನವೇ ಹೇಳ್ತಿದ್ದೆ. ಬಾಗಿಲು ಹಾಕ್ಕೊಂಡು ಓದಬಹುದು ಬಿಟಿಯಾ. ಪೈಪು ಕಲಿಯೋಕಾಗಲ್ಲ." ಬಕೆಟ್ ಎಳೆದುಕೊಂಡು ಬಂದು ನನ್ನ ಪಕ್ಕದಲ್ಲಿ ಕೂತರು. ಆ ಸಂಜೆ ಒಂಬತ್ತು ಸಲ ಮಾಡಿಸಿದರು. ಪ್ರತಿ ಸಲವೂ ಏನೋ ಒಂದು ಬೈದರು.

ಮನೆಗೆ ಬಂದು ಅಪ್ಪನಿಗೂ ಎಲ್ಲ ಹೇಳಿದೆ. ಅವರು ಶೆಲ್ಫಿನಿಂದ ಒಂದು ಜೋಡಣೆ ಎತ್ತಿಕೊಂಡು ಬಹಳ ಹೊತ್ತು ನೋಡಿದರು. ಅವರ ಕೈಯಲ್ಲಿ ಅದು ಅಲುಗುತ್ತಿತ್ತು. "ನಾನೂ ಅಂದ ನೋಡಿ ಸುಮ್ಮನಾದೆ. ನೀರು ಹಾಯಿಸು ಅನ್ನಬೇಕಿತ್ತು," ಎಂದರು.

ಮಂಗಳವಾರ ಬ್ಲೇಡ್ ಒಯ್ಯಲಿಲ್ಲ. ಸುತ್ತುವ ಮೊದಲು ಸಾಕೆಟ್ಟನ್ನು ಒಮ್ಮೆ ಬರಿದೇ ತಿರುಗಿಸಿ ದಿಕ್ಕು ನೋಡಿಕೊಂಡೆ. ಆಮೇಲೂ ನಂಬಿಕೆ ಬಾರದೆ ಇನ್ನೊಮ್ಮೆ ನೋಡಿದೆ. ಮುಳ್ಳು ಏರಿ ನಿಂತಿತು. ಹತ್ತು ನಿಮಿಷ ಅದನ್ನು ಬಿಟ್ಟು ಬೇರೆ ಏನನ್ನೂ ನೋಡಿದ ನೆನಪಿಲ್ಲ. ಕೊನೆಗೆ ಪರೀಕ್ಷಕರು ಸಾಕೆಟ್ಟಿನ ಕೆಳಗೆ ಪತ್ರಿಕೆಯ ಚೂರೊಂದನ್ನು ಒತ್ತಿ ತೆಗೆದು ನನ್ನ ಕೈಗೆ ಕೊಟ್ಟರು. ಒಣಗಿಯೇ ಇತ್ತು.

ಫೋನಿನಲ್ಲಿ ಅಪ್ಪ ಪಾಸೋ ಫೇಲೋ ಕೇಳಲಿಲ್ಲ. "ಹನಿ ಬಿತ್ತಾ?"

"ಇಲ್ಲಪ್ಪ."

ಅವರು ಅದನ್ನು ಹಿಂದಿಯಲ್ಲಿ ಯಾರಿಗೋ ಹೇಳುವುದು ಕೇಳಿಸಿತು. ಹಿಂದಿನಿಂದ ಚಾಚಾರ ದನಿ: "ಆ ಬ್ಲೇಡ್ ಎಸೆಯೋಕೆ ಹೇಳಿ ಸಾಬ್!"

ಏಪ್ರಿಲ್‌ನಲ್ಲಿ ಮೊದಲ ಅರ್ಜಿಗೆ ನಾನು ಮೂರು ಕಡೆ ಸಹಿ ಹಾಕಿದೆ. ಕೌಂಟರಿನ ಮುಂದೆ ನಿಂತು ಮೂರನ್ನೂ ಹೋಲಿಸಿದೆ. ಎರಡನೆಯದರ ಬಾಲ ಸ್ವಲ್ಪ ಉದ್ದವಾಗಿತ್ತೇ? ಮತ್ತೆ ನೋಡಿದೆ.

"ಚಲೋ ಮೇಡಂ, ಕೊಡಿ ಬೇಗ," ಎಂದರು ಹಿಂದೆ ನಿಂತವರು.