ನಿದ್ದೆಹೋದ ಶಾಂತಪ್ಪ

ಸಜ್ಜೆ ರೊಟ್ಟಿ ಬಡಿಯುವಾಗ ಯಾರೂ ನನ್ನನ್ನು ಮಾತನಾಡಿಸಬಾರದು. ಜೋಳದ ಹಿಟ್ಟು ಸಜ್ಜನ, ಸ್ವಲ್ಪ ಅಲಕ್ಷ್ಯ ಮಾಡಿದರೂ ನಡೆದೀತು. ಸಜ್ಜೆಯದು ಸಿಡುಕು ಸ್ವಭಾವ. ನಿಮ್ಮ ಚಿತ್ತ ಅತ್ತಿತ್ತ ಹೋಯಿತೆಂದರೆ ಅಂಚಿನಲ್ಲಿ ಬಾಯಿಬಿಟ್ಟು ಕೂಡುತ್ತದೆ. ಅಂದು ನಾಗಚೌತಿಯ ಹಿಂದಿನ ದಿನ. ಚೌತಿ, ಪಂಚಮಿ ಎರಡೂ ದಿನ ನಮ್ಮ ಮನೆಯಲ್ಲಿ ಹಂಚು ಒಲೆಗೇರುವುದಿಲ್ಲ. ಹಾಗಾಗಿ ರೊಟ್ಟಿಯನ್ನೆಲ್ಲ ಮೊದಲೇ ಮಾಡಿಟ್ಟುಕೊಳ್ಳಬೇಕು. ಎಳ್ಳು ಹಚ್ಚಿ ಇನ್ನೇನು ಹಂಚಿಗೆ ಹಾಕಬೇಕು, ಸೊಸೆ ಅಶ್ವಿನಿ ಮೊಬೈಲು ಹಿಡಿದು ಬಾಗಿಲಲ್ಲಿ ನಿಂತಳು.

"ಅತ್ತಿ, ಮಾಂತೇಶ ಕರಿಯಾಕ ಬರೂದಿಲ್ಲಂತರಿ."

ರೊಟ್ಟಿ ಕೈಯಲ್ಲೇ ಹರಿಯಿತು.

ಮಾಂತೇಶ ಅಂದರೆ ಅವಳ ತಮ್ಮ, ಸಾವಳಗಿಯಲ್ಲಿ ಅಪ್ಪನ ಕಬ್ಬಿನ ಹೊಲ ನೋಡಿಕೊಂಡು ಟ್ರ್ಯಾಕ್ಟರ್ ಹೊಡೆಯುವ ಮೀಸೆಯ ಮನುಷ್ಯ. ಮದುವೆಯಾದ ಮೇಲಿನ ಮೊದಲ ಪಂಚಮಿಗೆ ತಮ್ಮನೋ ಅಣ್ಣನೋ ಬಂದು ಕರೆದೊಯ್ಯಬೇಕು. ಸಾವಳಗಿಯೇನು ಸಮುದ್ರದಾಚೆ ಇಲ್ಲ, ಬನಹಟ್ಟಿಯಿಂದ ಜಮಖಂಡಿಗೆ ಹೋಗಿ ಬಸ್ಸು ಬದಲಿಸಿದರೆ ಆಯಿತು. ಆದರೆ ಕರೆಯಲು ಬಾರದ ತವರಿಗೆ ತಾನೇ ಚೀಲ ಹೊತ್ತು ಹೋಗುವ ಹೆಣ್ಣುಮಗಳ ಮುಖ ಹೇಗಿರುತ್ತದೆ ಎಂಬುದು ನಮ್ಮ ಕಡೆಯವರಿಗೆ ಬಿಡಿಸಿ ಹೇಳಬೇಕಾಗಿಲ್ಲ.

"ಯಾಕಂತ?"

"ಶಾಂತಪ್ಪನ ಸಲುವಾಗ್ರಿ."

ನನ್ನ ತಲೆ ಎಲ್ಲೆಲ್ಲೋ ಓಡಿತು. ಬೀಗರ ಪೈಕಿ ಶಾಂತಪ್ಪ ಯಾರು? ಹೊಲದ ಬದುವಿನ ತಕರಾರೋ, ಮದುವೆಯಲ್ಲಿ ಉಡುಗೊರೆ ಮುಟ್ಟದವರೋ? ಅಶ್ವಿನಿ ಮಾಂತೇಶ ಕಳಿಸಿದ ವಿಡಿಯೊ ತೆಗೆದು ಮೊಬೈಲು ನನ್ನ ಮುಂದೆ ಹಿಡಿದಳು. ಅದರೊಳಗೆ ಮಸಿಯಂಥ ಮೈ, ಬೆಂಕಿಯಂಥ ಕಣ್ಣು, ಗುಡ್ಡದಷ್ಟು ಹೆಡೆಯ ಒಂದು ಸರ್ಪ ಬುಸುಗುಡುತ್ತಿತ್ತು. ಅದೇ ಶಾಂತಪ್ಪ.

ಅಕ್ಕತಮ್ಮ ಸೇರಿ ಆಡುತ್ತಿದ್ದ ಆಟವಂತೆ. ಕಾಡುಮೇಡು ತಿರುಗಿ ಪ್ರಾಣಿಗಳನ್ನು ಸೋಲಿಸಿ ಹಿಡಿಯಬೇಕು, ಮನೆಗೆ ತಂದು ಪಳಗಿಸಬೇಕು, ಆಮೇಲೆ ಅವನ್ನೇ ಕಾಳಗಕ್ಕೆ ಬಿಡಬೇಕು. ಅವುಗಳಲ್ಲೆಲ್ಲ ದೊಡ್ಡ ದುಷ್ಟ ಈ ಸರ್ಪ. ಸರ್ಪಕ್ಕೆ ಆಟದಲ್ಲಿ ಯಾವುದೋ ನಾಲಿಗೆ ತಿರುಗದ ಹೆಸರಿತ್ತು. ಹಿಡಿದ ಮೇಲೆ ನಮಗೆ ಬೇಕಾದ ಹೆಸರಿಡಬಹುದು ಎಂದು ಗೊತ್ತಾದಾಗ ಇವರಿಬ್ಬರೂ ಲೋಕವನ್ನು ಮುಳುಗಿಸುವ ಆ ಪ್ರಾಣಿಗೆ ಶಾಂತಪ್ಪ ಎಂದು ಹೆಸರಿಟ್ಟರು. ಮದುವೆಯಾಗಿ ಅಕ್ಕ ಬನಹಟ್ಟಿಗೆ ಬಂದಳು, ಶಾಂತಪ್ಪ ತಮ್ಮನ ಮೊಬೈಲಿನಲ್ಲಿ ಸಾವಳಗಿಯಲ್ಲೇ ಉಳಿದ. ಆಮೇಲೆ ಅಕ್ಕನಿಗೆ ಆಟಕ್ಕೆ ಪುರುಸೊತ್ತೆಲ್ಲಿ? ತಮ್ಮ ಕರೆದಾಗೆಲ್ಲ "ನಾಳೆ ಆಡೋಣು" ಎನ್ನುತ್ತ ಬಂದಳು. ಈಗ ಅವನು ಸಿಟ್ಟಿಗೆದ್ದು, "ಶಾಂತಪ್ಪನ ಕೂಡ ಕಾದಿ ಗೆದ್ದರ ಕರಿಯಾಕ ಬರ್ತೀನಿ. ಸೋತ್ರ ನೀನ ಬಸ್ಸಿಗಿ ಬಾ" ಎಂದು ಪಣ ಒಡ್ಡಿದ್ದ.

ಮೊದಲು ನನಗೆ ನಗು ಬಂತು. ಸೊಸೆಯ ಮುಖ ನೋಡಿ ನಗುವನ್ನು ಹಿಟ್ಟಿನ ಜೊತೆ ನಾದಿದೆ. ನಮ್ಮ ಮನೆಯ ಗಂಡಸರು ಮಗ್ಗದ ಸದ್ದಿನಲ್ಲಿ ಬಾಳಿದವರು, ಅವರಿಗೆ ಕಿರುಚಿ ಹೇಳಿದ್ದು ಅರ್ಧ ಕೇಳುತ್ತದೆ, ಮೆಲ್ಲಗೆ ಹೇಳಿದ್ದು ಕೇಳುವುದೇ ಇಲ್ಲ. ಈ ಹುಡುಗಿ ಬಂದಾಗಿನಿಂದ ಎಲ್ಲವನ್ನೂ ಮೆಲ್ಲಗೇ ಹೇಳುತ್ತಾಳೆ. ಅಂದು ಅಡುಗೆಮನೆಯವರೆಗೆ ಬಂದು ತನ್ನ ದುಃಖ ನನಗೆ ಹೇಳಿದಳಲ್ಲ, ಅದೊಂದು ಶಿವನ ಕೃಪೆ ಅಂದುಕೊಂಡೆ. ಸಿಲಿಂಡರ್ ಹಬ್ಬ ಮುಗಿಯುವತನಕ ಬರುವಂತಿರುವುದು ಇನ್ನೊಂದು ಕೃಪೆ.

ರೊಟ್ಟಿ ಬೇಯುತ್ತಿದ್ದಂತೆ ಶಾಂತಪ್ಪನ ಪುರಾಣ ಕೇಳಿದೆ. ಅವನು ಹುಟ್ಟಾ ಕೆಟ್ಟವನಲ್ಲವಂತೆ. ಸಮುದ್ರದ ತಳದಲ್ಲಿ ಸುಮ್ಮನೆ ಮಲಗಿದ್ದನಂತೆ. ಯಾವನೋ ರಾಜ ಮುತ್ತಿನ ಆಸೆಗೆ ತಳ ಅಗೆಸಿದ, ನಿದ್ದೆ ಕೆಟ್ಟಿತು, ಊರುಗಳು ಮುಳುಗಿದವು. ನಿದ್ದೆಗೆಡಿಸಿದವರ ಹೆಸರು ಯಾರಿಗೂ ನೆನಪಿಲ್ಲ, ಎದ್ದವನ ಹೆಸರು ಮಾತ್ರ ದುಷ್ಟರ ಪಟ್ಟಿಗೆ ಸೇರಿತು. ನಮ್ಮ ಯಜಮಾನರದೂ ಇದೇ ಕಥೆ ಎಂದೆ. ಊಟ ಮಾಡಿ ಮಲಗಿದವರನ್ನು ಎಬ್ಬಿಸಿ ನೋಡಿ, ಬನಹಟ್ಟಿ ಮುಳುಗುತ್ತದೆ.

ಕಾಳಗದಲ್ಲಿ ಅವನ ಬಳಕೆಯೂ ಸುಲಭವಲ್ಲವಂತೆ. ಒಂದೇ ಏಟಿಗೆ ಎದುರಿನ ಸಾಲನ್ನೆಲ್ಲ ನೀರುಪಾಲು ಮಾಡುತ್ತಾನೆ, ಆದರೆ ಮುಂದಿನ ಸರದಿ ಏದುಸಿರು ಬಿಡುತ್ತ ಸುಮ್ಮನೆ ಕೂಡಬೇಕು. ಆಗ ಯಾರು ಹೊಡೆದರೂ ಬೀಳುತ್ತಾನೆ. ಅದಕ್ಕೆ ತಿಳಿದವರು ಅವನ ಮುಂದೆ ಬಸವನಹುಳದಂಥ ಒಂದು ಬಡಪ್ರಾಣಿಯನ್ನು ನಿಲ್ಲಿಸುತ್ತಾರೆ. ಅದು ಚಿಪ್ಪು ಹಿಡಿದು ಕಾಯುತ್ತದೆ. ಬರೀ ದುಷ್ಟರನ್ನೇ ಗುಂಪು ಕಟ್ಟಿದವರು ಬೇಗ ಸೋಲುತ್ತಾರಂತೆ.

"ಹಂಗಾರ ಈ ಶಾಂತಪ್ಪಗ ಅಂಜಿಕಿ ಯಾರದು?" ಅಂದೆ.

"ಹೂವಿಂದ್ರಿ ಅತ್ತಿ. ತಲಿ ಮ್ಯಾಲ ಹೂವಿರೂ ಸಣ್ಣ ಪ್ರಾಣಿ ಒಂದೈತಿ. ಅದು ಪುಡಿ ಉದರಸ್ತು ಅಂದ್ರ ಇಂವಾ ಮಲಕೊಂಡ ಬಿಡ್ತಾನ."

ಆಟ ಕಟ್ಟಿದವರು ಯಾರೋ ಏನೋ, ಕುಂಭಕರ್ಣನನ್ನು ಬಲ್ಲವರಿರಬೇಕು. ಶ್ರಾವಣದ ಪುರಾಣಕ್ಕೆ ದಿನಾ ಸಂಜೆ ಮಠಕ್ಕೆ ಹೋಗುವ ನನಗೆ ಇನ್ನೂ ಒಂದು ವಿಚಾರ ಬಂತು. ಹಿಡಿದು, ಪಳಗಿಸಿ, ಕೆಲಸಕ್ಕೆ ಹಚ್ಚುವುದು ನಮ್ಮ ಶಿವನ ಹಳೆಯ ಪದ್ಧತಿ. ಅವನ ಸುತ್ತ ಇರುವವರಲ್ಲಿ ಒಬ್ಬರ ಚರಿತ್ರೆಯಾದರೂ ನೆಟ್ಟಗಿದೆಯೆ? ಕೊರಳಲ್ಲಿ ವಿಷದ ಹಾವು, ಹಿಂದೆ ಭೂತಗಣ. ರಾಹುವನ್ನು ನುಂಗಲು ಹುಟ್ಟಿದ ಒಂದು ಸಿಂಹಮುಖದ ರಾಕ್ಷಸ, ರಾಹು ಶರಣಾಗಿ ಪಾರಾದ ಮೇಲೆ ಹಸಿವು ಹಸಿವು ಎಂದಾಗ, ನಿನ್ನನ್ನೇ ನೀನು ತಿನ್ನು ಎಂದ ಶಿವ. ಅದು ಬಾಲದಿಂದ ಶುರುಮಾಡಿ ಮುಖ ಮಾತ್ರ ಉಳಿಯುವವರೆಗೆ ತಿಂದಿತು. ಶಿವ ಮೆಚ್ಚಿ ಆ ಮುಖಕ್ಕೆ ಕೀರ್ತಿಮುಖ ಎಂದು ಹೆಸರಿಟ್ಟು ಗುಡಿಯ ಬಾಗಿಲ ಮೇಲೆ ಕಾಯಲು ಕೂಡಿಸಿದ. ನಾವು ಅದರ ಕೆಳಗೆ ತಲೆ ಬಗ್ಗಿಸಿಯೇ ಒಳಗೆ ಹೋಗುತ್ತೇವೆ. ಮುಧೋಳದ ನಾಯಿ ಬೇರೆಯವರ ಹೊಲದಲ್ಲಿದ್ದರೆ ಯಮ, ನಮ್ಮ ಹೊಲದಲ್ಲಿದ್ದರೆ ಮನೆಮಗ. ದುಷ್ಟತನ ಅರ್ಧ ಹುಟ್ಟಿನಿಂದ ಬರುತ್ತದೆ, ಇನ್ನರ್ಧ ಯಾವ ಬಾಗಿಲಲ್ಲಿ ನಿಂತಿದ್ದೇವೆ ಎಂಬುದರಿಂದ.

ಈ ಜ್ಞಾನವೆಲ್ಲ ನನಗಿದ್ದದ್ದೇ ಅಂದಿನ ಅನಾಹುತಕ್ಕೆ ಕಾರಣವಾಯಿತು.

ಮಧ್ಯಾಹ್ನ ಕಾಳಗ. ಮಾಂತೇಶ ಟ್ರ್ಯಾಕ್ಟರ್ ನೆರಳಿಗೆ ನಿಲ್ಲಿಸಿ ಅಲ್ಲಿ ಕೂತಿದ್ದ, ಅಕ್ಕ ಇಲ್ಲಿ ಕಟ್ಟೆಯ ಮೇಲೆ. ಗ್ಯಾಸಿನ ಮೇಲೆ ಬೆಲ್ಲದ ಪಾಕ. ತವರಿಗೆ ಒಯ್ಯುವ ಶೇಂಗಾ ಉಂಡಿಯನ್ನು ತಾನೇ ಕಟ್ಟುವೆನೆಂದು ಅವಳ ಹಟ. ಹೋಗುವುದು ಗಟ್ಟಿಯಿಲ್ಲದಿದ್ದರೂ ಪಾಕ ಇಟ್ಟಿದ್ದಳು ನೋಡಿ. ಅಕ್ಕನ ಹೂವಿನ ಪ್ರಾಣಿ ಪುಡಿ ಉದುರಿಸಿತು. ಶಾಂತಪ್ಪ ಆಕಳಿಸಿದ, ಬಿದ್ದ. ಇನ್ನೊಂದು ಏಟು ಹಾಕಿದರೆ ಅವಳದೇ ಗೆಲುವು. ಸರಿಯಾಗಿ ಆಗಲೇ ಪಾಕಕ್ಕೆ ಎಳೆ ಬಂತು. ಶೇಂಗಾಪುಡಿ ಸುರಿದು, ಬಿಸಿ ಇರುವಾಗಲೇ ಉಂಡಿ ಕಟ್ಟದಿದ್ದರೆ ಎಲ್ಲ ಕಲ್ಲಾಗುತ್ತದೆ. ಅವಳು ಎದ್ದು ಓಡಿದಳು.

"ಅತ್ತಿ, ಅಲ್ಲಿ ಕೆಂಪಂದು ಕತ್ತಿ ಕಾಣತೈತಲ್ಲ, ಅದನ್ನ ಒತ್ರಿ. ಲಗೂನ ಒತ್ರಿ, ಟೈಮ್ ಹೊಂಟೈತಿ."

ಮೊಬೈಲು ನನ್ನ ಕೈಯಲ್ಲಿತ್ತು. ಬೆರಳನ್ನು ಕೆಂಪಿನ ಹತ್ತಿರ ಒಯ್ದೆ. ಶಾಂತಪ್ಪ ಸುರುಳಿ ಸುತ್ತಿಕೊಂಡು, ಹೆಡೆಯನ್ನು ತನ್ನ ಮೈಮೇಲೆಯೇ ಇಟ್ಟುಕೊಂಡು ಕೂಸಿನ ಹಾಗೆ ಮಲಗಿದ್ದ. ಉಸಿರಾಡುತ್ತಿದ್ದ. ಬೆಳಗಾದರೆ ಚೌತಿ. ಕಲ್ಲಿನ ನಾಗಪ್ಪನಿಗೆ ಹಾಲೆರೆಯಲು ತಂಬಿಗೆ ಬೆಳಗಿ ಇಟ್ಟವಳು ನಾನೇ. ಮಲಗಿದ ನಾಗಪ್ಪನನ್ನು ಕತ್ತಿಯಲ್ಲಿ ಹೊಡಿ ಎಂದರೆ ಕೈ ಏಳಬೇಕಲ್ಲ. ಅದು ಬರೀ ಚಿತ್ರ ಎಂದು ನನಗೂ ಗೊತ್ತಿತ್ತು. ಹಾಲೆರೆಯುವುದೂ ಕಲ್ಲಿಗೇ ಎಂಬುದೂ ಗೊತ್ತಿತ್ತು.

ಮೊಬೈಲಿನ ಮೂಲೆಯಲ್ಲಿ ಓಡುತ್ತಿದ್ದ ಗಡಿಯಾರ ಖಾಲಿಯಾಯಿತು. ಶಾಂತಪ್ಪ ಕಣ್ಣು ಬಿಟ್ಟ. ನೀರು ಬಂತು. ಹೂವು ತೇಲಿಹೋಯಿತು.

"ಒತ್ತಿದ್ರಿ?" ಅಂದಳು ಅಶ್ವಿನಿ ಒಲೆಯ ಹತ್ತಿರದಿಂದ.

"ಇಲ್ಲವಾ."

ಅವಳು ಬೈದಿದ್ದರೆ ಚಲೋ ಇತ್ತು. ಕೈ ಸುಡುವ ಉಂಡಿಯನ್ನು ಕಟ್ಟುತ್ತ ಕಟ್ಟುತ್ತ ಮುಂಗೈಯಿಂದ ಕಣ್ಣೊರೆಸಿಕೊಂಡಳು. ಪುಣ್ಯದ ಆಸೆ ನನ್ನದು, ತಪ್ಪಿಹೋದದ್ದು ಅವಳ ತವರು. ಇಷ್ಟು ವರ್ಷ ಪುರಾಣ ಕೇಳಿದ್ದಕ್ಕೆ ಇಷ್ಟೇ ಬುದ್ಧಿಯೇ ಎಂದು ನನ್ನನ್ನು ನಾನೇ ಬೈದುಕೊಳ್ಳುವಷ್ಟರಲ್ಲಿ ಫೋನು ಬಂತು. ಅವಳ ಕೈ ಉಂಡಿಯಲ್ಲಿತ್ತು, ನಾನೇ ಸ್ಪೀಕರಿಗೆ ಹಾಕಿದೆ.

"ಅಕ್ಕಾ," ಅಂದ ಮಾಂತೇಶ. ದನಿ ಮೆತ್ತಗಿತ್ತು. "ಗೆದ್ದಿದ್ದಿ ನೀ. ಯಾಕ ಬಿಟ್ಟಿ? ಶಾಂತಪ್ಪನ್ನ ಹೊಡಿಯಾಕ ಮನಸ್ಸ ಬರ್ಲಿಲ್ಲೇನು?"

ಅಶ್ವಿನಿ ನನ್ನತ್ತ ನೋಡಿದಳು. ಹೌದು ಅಂದುಬಿಡು ಎಂದು ನಾನು ಕಣ್ಣಲ್ಲೇ ಹೇಳಬಹುದಿತ್ತು. ಆದರೆ ಹಬ್ಬದ ಹೊತ್ತಿನಲ್ಲಿ ಸುಳ್ಳು ಬೇಡವೆನಿಸಿತು.

"ಖರೆ ಹೇಳ್ತೀನಿ ಮಾಂತೇಶ. ಅಕೀ ಹೊಡಿ ಅಂದ್ಲು. ಬಿಟ್ಟಾಕಿ ನಾ. ನಾಳೆ ಚೌತಿ ಐತಿ, ಮಲಗಿದ ನಾಗಪ್ಪನ ಮ್ಯಾಲ ನಾ ಕೈ ಎತ್ತಲಿ ಹೆಂಗ?"

ಆ ಕಡೆಯಿಂದ ಕಬ್ಬಿನ ಹೊಲವೇ ನಕ್ಕಂತೆ ನಗು ಕೇಳಿಸಿತು.

"ಅತ್ತಿ, ಇದಕ್ಕ ನಾ ನಮ್ಮವ್ವನ ಕೈಯಾಗ ಮೊಬೈಲ್ ಕೊಡೂದಿಲ್ರಿ. ಅಕೀನೂ ಹಿಂಗ."

"ಲೇ, ನಗಬ್ಯಾಡ," ಅಂದಳು ಅಶ್ವಿನಿ. ಅವಳು ಜೋರಾಗಿ ಮಾತನಾಡಿದ್ದನ್ನು ಅಂದೇ ಮೊದಲು ಕೇಳಿದೆ. "ಸೋತೇನಿ, ಬಸ್ಸಿಗೂ ಬರೂದಿಲ್ಲ. ನೀನೂ ನಿನ್ನ ಶಾಂತಪ್ಪಾನೂ ಕೂಡಿ ಹಬ್ಬ ಮಾಡ್ರಿ."

"ಆಟದ ರೂಲ್ ಮರತೇನಬೇ?" ಅಂದ ತಮ್ಮ. "ಸೋತದ್ದನ್ನ ಗೆದ್ದಾಂವ ಮನಿಗಿ ಕರ್ಕೊಂಡ ಹೋಗ್ಬೇಕು. ಸಂಜಿಕ ಬರ್ತೀನಿ, ಚೀಲ ಕಟ್ಟು. ಅವ್ವ ನಿನ್ನೆಯಿಂದ ನನ್ನ ಕೂಡ ಮಾತ ಬಿಟ್ಟಾಳ."

ಹೊತ್ತು ಮುಳುಗುವ ಮುನ್ನ ಬೈಕಿನಲ್ಲಿ ಬಂದ. ಉಂಡಿ ತಿಂದು, ಪಾಕ ತುಸು ಗಟ್ಟಿಯಾಗಿದೆ ಎಂದು ಅಕ್ಕನನ್ನು ಹಂಗಿಸಿ, ಹೊರಡುವಾಗ ಮೊಬೈಲನ್ನು ನನ್ನ ಮುಖದ ಮುಂದೆ ಹಿಡಿದ. "ಶಾಂತಪ್ಪ ನಿಮಗ ಶರಣು ಅಂತಾನ್ರಿ ಅತ್ತಿ. ಹಾಲ ಗೀಲ ಕುಡಸ್ತೀರೇನು?"

ನಾನು ಕೈ ಮುಗಿದೆ. ಯಾರಿಗೆ ಎಂದು ಅವನೂ ಕೇಳಲಿಲ್ಲ, ನಾನೂ ಹೇಳಲಿಲ್ಲ. ಅಕ್ಕನ ಮೇಲೆ ಮುನಿದು ಮೀಸೆ ತಿರುವಿದ ಗಂಡಸನ್ನು ನಿದ್ದೆಗೆಡಿಸಿ ಲೋಕ ಮುಳುಗಿಸಬಹುದು, ಇಲ್ಲವೇ ಸುಮ್ಮನೆ ಬಿಟ್ಟು ನೋಡಬಹುದು. ಬಿಟ್ಟದ್ದು ನನ್ನ ಜಾಣತನವಲ್ಲ, ಕೈ ಏಳಲಿಲ್ಲ ಅಷ್ಟೆ. ಕೆಲವು ಕೃಪೆಗಳು ಹೀಗೆಯೇ, ನಮ್ಮ ಕೈಲಾಗದ್ದರ ರೂಪದಲ್ಲಿ ಬರುತ್ತವೆ.

ಬೈಕಿನ ಸದ್ದು ಓಣಿಯ ತಿರುವಿನಲ್ಲಿ ಮಗ್ಗಗಳ ಸದ್ದಿಗೆ ಸೇರಿಹೋಯಿತು. ನಾನು ಒಳಗೆ ಬಂದು ನಾಳೆ ನಾಗಪ್ಪನ ಎಡೆಗೆ ಕಡಲೆ ನೆನೆಹಾಕಿದೆ.