ಚಪ್ಪಾಳೆ ತಟ್ಟಿಸಿದ ಪಾಠ

ನನಗೆ ಕೋಪ ಮೂಗಿನ ತುದಿಯಲ್ಲೇ ಇರುತ್ತದೆ. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು. ಎಪ್ಪತ್ತರ ದಶಕದ ಕೊನೆಯಲ್ಲಿ ನಾನು ಬನಶಂಕರಿ ಎರಡನೇ ಹಂತದ ಒಂದು ಹೆಣ್ಣುಮಕ್ಕಳ ಹೈಸ್ಕೂಲಿನಲ್ಲಿ ಸಮಾಜ ಪಾಠ ಹೇಳುತ್ತಿದ್ದೆ. ವರಾಂಡದಲ್ಲಿ ನನ್ನ ಚಪ್ಪಲಿ ಸದ್ದು ಕೇಳಿದರೆ ಸಾಕು, ಹುಡುಗಿಯರು ಪುಸ್ತಕ ತೆಗೆದಿಟ್ಟುಕೊಂಡು ಬಾಯಿಗೆ ಬೀಗ ಹಾಕಿಕೊಳ್ಳುತ್ತಿದ್ದರು. ಕೋಪದ ಜೊತೆಗೆ ನನಗೆ ಇನ್ನೊಂದು ಕಾಯಿಲೆಯೂ ಇತ್ತು. ಅದು ಒಳ್ಳೆಯವಳು ಅನ್ನಿಸಿಕೊಳ್ಳುವ ಚಟ. ಕೋಪದಿಂದ ಯಾರಿಗೂ ಅಂಥ ಕೇಡಾಗಲಿಲ್ಲ. ಕೇಡಾದದ್ದು ಆ ಎರಡನೆಯದರಿಂದ.

ಹತ್ತನೇ ತರಗತಿಯ ಪುಸ್ತಕದಲ್ಲಿ ಅಸ್ಪೃಶ್ಯತೆಯ ಮೇಲೆ ಒಂದು ಪಾಠ ಇತ್ತು. ಬೇರೆ ಮೇಷ್ಟ್ರುಗಳು ಅದನ್ನು ಅರ್ಧ ಪೀರಿಯಡ್ಡಿನಲ್ಲಿ ಓದಿಸಿ, ಪ್ರಶ್ನೋತ್ತರ ಬರೆಸಿ ಮುಗಿಸಿಬಿಡುತ್ತಿದ್ದರು. ನಾನು ಹಾಗಲ್ಲ. ಎರಡು ಪೀರಿಯಡ್ಡು ಮಾಡುತ್ತಿದ್ದೆ, ದನಿ ಏರಿಸಿ ಇಳಿಸಿ ಮಾಡುತ್ತಿದ್ದೆ. ಒಂದು ವರ್ಷ ಇನ್‌ಸ್ಪೆಕ್ಟರು ಬಂದು ಕೂತಾಗ ಮುಂದಿನ ಬೆಂಚಿನ ಇಬ್ಬರು ಕಣ್ಣೊರೆಸಿಕೊಂಡಿದ್ದರು. ಆಮೇಲೆ ಅವರು ‘ಹೀಗೆ ಪಾಠ ಮಾಡಬೇಕಮ್ಮಾ’ ಅಂದಿದ್ದನ್ನು ನಾನು ಮನೆಯಲ್ಲಿ ಒಂದು ವಾರ ಹೇಳಿಕೊಂಡು ತಿರುಗಿದೆ.

ಆಗ ಶಾಲೆಗಳಲ್ಲಿ ಒಂದು ಪದ್ಧತಿ ಇತ್ತು. ಯಾರೂ ಅದನ್ನು ತಪ್ಪು ಅಂದುಕೊಂಡಿರಲಿಲ್ಲ. ಹರಿಜನ ವಿದ್ಯಾರ್ಥಿಗಳ ಸ್ಕಾಲರ್‌ಷಿಪ್ ಪಟ್ಟಿಯನ್ನು ಗುಮಾಸ್ತರು ಆಫೀಸಿನಿಂದ ಕ್ಲಾಸಿಗೇ ಕಳಿಸುತ್ತಿದ್ದರು. ಪಾಠದ ಮಧ್ಯೆ ಅದು ಬರುತ್ತಿತ್ತು. ಟೀಚರು ‘ಸ್ಕಾಲರ್‌ಷಿಪ್‌ನೋರು ಎದ್ದೇಳ್ರಮ್ಮಾ’ ಅನ್ನುತ್ತಿದ್ದರು, ಆ ಮಕ್ಕಳು ಎದ್ದು ನಿಲ್ಲುತ್ತಿದ್ದರು, ಟೀಚರು ಅವರಿಗೆ ಅರ್ಜಿ ಹಂಚುತ್ತಿದ್ದರು, ಮತ್ತೆ ಪಾಠ. ಎಷ್ಟೋ ವರ್ಷ ನಾನೂ ಹಾಗೇ ಮಾಡಿದ್ದೆ.

ಆ ವರ್ಷ ಪಟ್ಟಿ ನನ್ನ ಕೈಗೆ ಬಂದದ್ದು ಸರಿಯಾಗಿ ಆ ಪಾಠದ ಹೊತ್ತಿಗೆ. ನನಗೆ ತಲೆಯಲ್ಲಿ ಮಿಂಚು ಹೊಡೆದಂತಾಯಿತು. ಪಾಠಕ್ಕೆ ಜೀವ ಬರುತ್ತದೆ ಅಂದುಕೊಂಡೆ. ಪಟ್ಟಿಯಲ್ಲಿದ್ದ ಐದು ಜನ ಎದ್ದು ನಿಲ್ಲಲಿ ಅಂದೆ. ನಾಲ್ವರು ನಿಂತರು. ಐದನೆಯವಳು ನಿಲ್ಲಲಿಲ್ಲ. ನಾನು ಪಟ್ಟಿ ನೋಡಿ ಅವಳ ನಂಬರು ಕರೆದೆ, ಎರಡು ಸಲ. ಕಿಟಕಿ ಪಕ್ಕದ ಎರಡನೇ ಬೆಂಚಿನಿಂದ ಅವಳು ಎದ್ದಳು.

ಇಡೀ ಕ್ಲಾಸಿಗೆ ಬುದ್ಧಿವಂತೆ ಅವಳು. ಭಾರತದ ನಕ್ಷೆಯನ್ನು ನೋಡದೇ ಬರೆಯುತ್ತಿದ್ದಳು. ಅವಳ ಅಪ್ಪ ಒಂದು ದೊಡ್ಡ ಕಾರ್ಖಾನೆಯಲ್ಲಿ ಫಿಟ್ಟರ್. ಕಾರ್ಖಾನೆಯ ಬಸ್ಸಿನಲ್ಲಿ ಹೋಗಿ ಬರುವವರು. ಪಟ್ಟಿಯಲ್ಲಿ ಅವಳ ಹೆಸರು ಬಂದದ್ದು ಆ ವರ್ಷವೇ ಮೊದಲು. ಅಲ್ಲಿಯವರೆಗೆ ಅವಳ ಜಾತಿ ಏನೆಂದು ಗೆಳತಿಯರಿಗೆ ಗೊತ್ತೂ ಇರಲಿಲ್ಲ, ಬೇಕಾಗಿಯೂ ಇರಲಿಲ್ಲ.

ನಾನು ಕ್ಲಾಸಿಗೆ ಕೇಳಿದೆ, “ನೋಡಿ, ಇವರಿಗೂ ನಿಮಗೂ ಏನಾದ್ರೂ ವ್ಯತ್ಯಾಸ ಇದ್ಯಾ?”

“ಇಲ್ಲಾ ಮಿಸ್,” ಅಂತ ನಲವತ್ತು ಗಂಟಲು ಒಟ್ಟಿಗೆ ಕೂಗಿದವು.

“ಹಾಗಾದ್ರೆ ಒಂದ್ ಚಪ್ಪಾಳೆ!”

ಜೋರಾಗಿ ಚಪ್ಪಾಳೆ ತಟ್ಟಿದರು. ಇಷ್ಟು ಚೆನ್ನಾಗಿ ಈ ಪಾಠವನ್ನು ಕರ್ನಾಟಕದಲ್ಲೇ ಯಾರೂ ಮಾಡಿರಲಾರರು ಅನ್ನಿಸಿತು. ಅವಳು ಮಾತ್ರ ಗೋಡೆಯ ನಕ್ಷೆ ನೋಡುತ್ತಾ ನಿಂತಿದ್ದಳು, ಕೂರಿ ಅಂದಮೇಲೂ ಸ್ವಲ್ಪ ಹೊತ್ತು ನಿಂತೇ ಇದ್ದಳು. ನಾನು ಅದನ್ನು ಭಾವಾವೇಶ ಅಂದುಕೊಂಡೆ.

ಎರಡು ದಿನವಾದ ಮೇಲೆ ಅವಳು ಶಾಲೆಗೆ ಬರುವುದು ನಿಂತಿತು. ಜ್ವರವಿರಬೇಕು ಅಂದುಕೊಂಡೆ. ಎರಡನೇ ವಾರವೂ ಬರದಿದ್ದಾಗ ಅವಳ ಪಕ್ಕದಲ್ಲಿ ಕೂರುತ್ತಿದ್ದ ಗೆಳತಿಯನ್ನು ಸ್ಟಾಫ್ ರೂಮಿಗೆ ಕರೆದು ಕೇಳಿದೆ. ಆ ಹುಡುಗಿ ಬಾಯಿ ಬಿಡುವ ಮೊದಲೇ ಅಳಲು ಶುರುಮಾಡಿದಳು.

“ಹೊಂಗೆಮರದ ಕೆಳಗೆ ಎಲ್ಲಾರೂ ಒಟ್ಟಿಗೇ ಊಟ ಮಾಡ್ತಿದ್ವಿ ಮಿಸ್. ಡಬ್ಬಿ ಬದಲಾಯಿಸ್ಕೊಂಡು. ಅವಳ ಜಾತಿ ಗೊತ್ತಾಗಿ ನಮ್ಮಮ್ಮ ಅವಳ ಡಬ್ಬೀದು ತಿನ್ಬೇಡ ಅಂದ್ರು. ಮಾರನೇ ದಿನ ಅವಳು ಚಿತ್ರಾನ್ನ ಕೊಡೋಕೆ ಬಂದ್ಲು. ನಾನು ನನ್ ಡಬ್ಬಿ ಸರಿಸ್ಕೊಂಡುಬಿಟ್ಟೆ.”

“ನಿಮ್ಮಮ್ಮಂಗೆ ಹೇಗೆ ಗೊತ್ತಾಯ್ತು?”

“ನಾನೇ ಹೇಳ್ದೆ. ನೀವು ಮಾಡಿದ ಪಾಠ ಎಷ್ಟು ಚೆನ್ನಾಗಿತ್ತು ಅಂತ ಹೇಳ್ವಾಗ.”

ನನಗೆ ಕೋಪ ನೆತ್ತಿಗೇರಿತು. ಆ ತಾಯಿಯ ಮೇಲೆ, ಈ ಹುಡುಗಿಯ ಮೇಲೆ, ಹೊಂಗೆಮರದ ಕೆಳಗೆ ಕೂತ ಎಲ್ಲರ ಮೇಲೆ. ನನ್ನೊಬ್ಬಳನ್ನು ಬಿಟ್ಟು ಊರಿನ ಮೇಲೆಲ್ಲ ಬಂತು.

ಶನಿವಾರ ಅರ್ಧ ದಿನದ ಶಾಲೆ ಮುಗಿಸಿ ಅವಳ ಮನೆ ಹುಡುಕಿಕೊಂಡು ಹೊರಟೆ. ಈಗಿನ ಪದ್ಮನಾಭನಗರ ನೋಡಿದವರು ಆಗಿನದನ್ನು ನಂಬುವುದಿಲ್ಲ. ಸೈಟುಗಳಿಗೆ ಕಲ್ಲು ನೆಟ್ಟಿದ್ದರು, ನಡುನಡುವೆ ಇನ್ನೂ ರಾಗಿ ಬೆಳೆಯುತ್ತಿದ್ದರು. ರಸ್ತೆ ಅನ್ನುವುದು ಕಾಗದದ ಮೇಲೆ ಮಾತ್ರ ಇತ್ತು. ಅದರಾಚೆಯ ಹಳೇ ಊರಿನಲ್ಲಿ ಅವಳ ಮನೆ. ಹಂಚಿನ ಚಿಕ್ಕ ಮನೆ, ಮುಂದೆ ಸಾರಿಸಿದ ಅಂಗಳ, ಒಳಗೆ ಗೋಡೆಯ ಮೇಲೆ ಒಂದು ಬುದ್ಧನ ಪಟ. ಅವಳ ಅಪ್ಪ ಆಗತಾನೇ ಶಿಫ್ಟು ಮುಗಿಸಿ ಬಂದಿದ್ದರು. ಖಾಕಿ ಬಟ್ಟೆ ಇನ್ನೂ ಬದಲಾಯಿಸಿರಲಿಲ್ಲ. ಕುರ್ಚಿ ಒರೆಸಿ ಕೂರಿಸಿದರು.

ಮಗಳು ಬುದ್ಧಿವಂತೆ, ಎಸ್ಸೆಸ್ಸೆಲ್ಸಿಯಲ್ಲಿ ಶಾಲೆಗೇ ಮೊದಲು ಬರುತ್ತಾಳೆ, ಈಗ ಬಿಡಿಸಬೇಡಿ ಅಂತೆಲ್ಲ ಹೇಳಿದೆ. ಅವರು ಪೂರ್ತಿ ಕೇಳಿದರು. ಆಮೇಲೆ ನಿಧಾನವಾಗಿ ಮಾತಾಡಿದರು.

“ತಪ್ ತಿಳ್ಕೋಬೇಡಿ ಮೇಡಂ. ಬೈದಿದ್ರೆ ಟೀಚರ್ ಬೈದ್ರು ಅನ್ಕೋಬೋದು. ಹೊಡೆದಿದ್ರೆ ಹೊಡೆದ್ರು ಅನ್ಕೋಬೋದು. ಚಪ್ಪಾಳೆ ಯಾಕ್ ತಟ್ಸಿದ್ರಿ? ನನ್ ಮಗಳು ಏನ್ ಗೆದ್ದಿದ್ಲು?”

ನಾನು ಮತ್ತೆ ಎಸ್ಸೆಸ್ಸೆಲ್ಸಿಯ ಮಾತನ್ನೇ ಎತ್ತಿದೆ.

“ಗುರುವಾರ ಬರ್ತೀನಿ. ಟೀಸಿ ಕೊಟ್ಬಿಡಿ,” ಅಂದರು. “ಟೈಲರಿಂಗ್ ಕಲ್ತ್ಕೊಳ್ತೀನಿ ಅಂತಾಳೆ. ನಾನು ಬಲವಂತ ಮಾಡಲ್ಲ.”

ವರ್ಷದ ಮಧ್ಯದಲ್ಲಿ ಹತ್ತನೇ ಕ್ಲಾಸಿನ ಹುಡುಗಿ ಟಿ.ಸಿ. ತೆಗೆದುಕೊಂಡರೆ ಬೇರೆ ಯಾವ ಶಾಲೆಯೂ ಸೇರಿಸಿಕೊಳ್ಳುತ್ತಿರಲಿಲ್ಲ. ಓದು ಅಲ್ಲಿಗೆ ಮುಗಿದಂತೆ. ಅದು ಅವರಿಗೂ ಗೊತ್ತಿತ್ತು.

ಅಷ್ಟರಲ್ಲಿ ಅವಳೇ ಕಾಫಿ ತಂದಳು. ನಾನು ಕೊನೇ ಗುಟುಕಿನವರೆಗೂ ಕುಡಿದೆ. ಎಷ್ಟು ಚೆನ್ನಾಗಿದೆ ಅಂತ ಎರಡು ಸಲ ಅಂದೆ. ಬಾಗಿಲ ಬಳಿ ನಿಂತು ನನ್ನನ್ನೇ ನೋಡುತ್ತಿದ್ದ ಅವಳು ಕೇಳಿದಳು, “ಕಾಫಿ ಕುಡ್ದಿದ್ದನ್ನ ಸೋಮವಾರ ಕ್ಲಾಸಲ್ಲಿ ಹೇಳ್ತೀರಾ ಮಿಸ್?”

ಅಪ್ಪ ‘ಏಯ್’ ಅಂತ ಗದರಿದರು. ನನ್ನ ಮುಖಕ್ಕೆ ರಕ್ತ ನುಗ್ಗಿತು. ಯಾಕೆಂದರೆ ಲೋಟ ಕೈಯಲ್ಲಿರುವಾಗಲೇ ಅದನ್ನು ಕ್ಲಾಸಿನಲ್ಲಿ ಹೇಗೆ ಹೇಳಬೇಕೆಂದು ನಾನು ಮನಸ್ಸಿನಲ್ಲಿ ಜೋಡಿಸಿಕೊಳ್ಳುತ್ತಿದ್ದದ್ದು ನಿಜ.

ತ್ಯಾಗರಾಜನಗರದ ನಮ್ಮ ಮನೆವರೆಗೂ ಬೈದುಕೊಳ್ಳುತ್ತಲೇ ನಡೆದೆ. ಎಷ್ಟು ಉದ್ಧಟತನ ಆ ಹುಡುಗಿಗೆ, ಮನೆವರೆಗೂ ಬಂದ ಟೀಚರಿಗೆ ಹೀಗಾ ಅನ್ನುವುದು ಅಂತ. ಹಿತ್ತಲಿನ ಬಾಗಿಲು ತೆರೆದಿತ್ತು. ನಮ್ಮತ್ತೆ ಮನೆಗೆಲಸದಾಕೆಗೆ ಕಾಫಿ ಕೊಡುತ್ತಿದ್ದರು. ಕಾಂಪೌಂಡ್ ಗೋಡೆಯ ಮೇಲೆ ಒಂದು ಸೊಟ್ಟಗಾದ ಅಲ್ಯೂಮಿನಿಯಂ ಲೋಟ ಸದಾ ಕವುಚಿಕೊಂಡಿರುತ್ತಿತ್ತು. ಆಕೆ ಅದನ್ನು ತಾನೇ ಎತ್ತಿಕೊಂಡು, ತೊಳೆದು, ಹಿಡಿಯಬೇಕು. ಅತ್ತೆ ಮೇಲಿನಿಂದ ತಾಕದಂತೆ ಸುರಿಯುತ್ತಿದ್ದರು. ನಾನು ಸೊಸೆಯಾಗಿ ಬಂದ ದಿನದಿಂದ ಇದು ನಡೆಯುತ್ತಿತ್ತು, ನಾನು ದಿನಾ ನೋಡುತ್ತಿದ್ದೆ.

ಹೇಳುವುದು ಆಚಾರ, ತಿನ್ನುವುದು ಬದನೆಕಾಯಿ ಅನ್ನುತ್ತಾರಲ್ಲ, ಅದನ್ನು ನಾನು ಬೇರೆಯವರ ಮೇಲೆ ಎಷ್ಟು ಸಲ ಪ್ರಯೋಗಿಸಿದ್ದೇನೋ. ಇಡೀ ಶಾಲೆಯನ್ನು ನಡುಗಿಸುತ್ತಿದ್ದ ನಾನು ಅತ್ತೆಯ ಮುಂದೆ ಒಂದು ಲೋಟದ ಮಾತೆತ್ತಲು ಹೆದರುತ್ತಿದ್ದೆ. ಅವತ್ತೂ ಎತ್ತಲಿಲ್ಲ. ತಲೆನೋವು ಅಂತ ಹೇಳಿ ಕೋಣೆಗೆ ಹೋಗಿ ಮಲಗಿಕೊಂಡೆ. ನಾಚಿಕೆಯಿಂದ ಅತ್ತುಬಿಟ್ಟೆ.

ಸೋಮವಾರ ಕ್ಲಾಸಿನಲ್ಲಿ ಪುಸ್ತಕ ತೆರೆಯಲಿಲ್ಲ. “ಆ ಪಾಠ ನಾನು ತಪ್ಪು ಮಾಡ್ದೆ,” ಅಂದೆ. “ಕಾಯಿಲೆ ಇರೋರನ್ನ ಕೂರಿಸಿ, ಇಲ್ಲದೋರನ್ನ ಎದ್ದು ನಿಲ್ಲಿಸ್ದೆ. ಕಾಯಿಲೆ ಇರೋದು ನಮ್ಮನೇಲಿ.” ಲೋಟದ ವಿಷಯ ಹೇಳಿದೆ. ಗೋಡೆ, ಸೊಟ್ಟ ಲೋಟ, ಮೇಲಿಂದ ಸುರಿಯುವುದು, ಎಲ್ಲ. ಕಾಫಿ ಕುಡಿದದ್ದನ್ನು ಹೇಳಲಿಲ್ಲ.

ಯಾವಾಗಲೂ ಹಿಂದಿನ ಬೆಂಚಿನಲ್ಲಿ ಆಕಳಿಸುತ್ತಿದ್ದ ಒಬ್ಬಳು ಮೆಲ್ಲಗೆ ಅಂದಳು, “ನಮ್ಮನೇಲಿ ತೆಂಗಿನ ಚಿಪ್ಪು ಮಿಸ್.” ಇನ್ನೊಬ್ಬಳು ಹಳೇ ಊರಿನವಳು. ಅವರ ಹೊಲಗಳೆಲ್ಲ ಸೈಟುಗಳಾಗಿ, ಅಪ್ಪ ನಾಲ್ಕು ಮನೆ ಕಟ್ಟಿ ಬಾಡಿಗೆಗೆ ಬಿಟ್ಟಿದ್ದರು. “ನಮ್ಮಪ್ಪ ಬಾಡಿಗೆಗೆ ಬಂದೋರ ಹತ್ರ ಹೆಸರಿಗಿಂತ ಮುಂಚೆ ನೀವು ಯಾವ ಜನ ಅಂತ ಕೇಳ್ತಾರೆ,” ಅಂದಳು. ಒಬ್ಬರ ಮಾತು ಮುಗಿಯುವ ಮುಂಚೆ ಇನ್ನೊಬ್ಬರು ಶುರುಮಾಡಿದರು. ಬೆಲ್ ಹೊಡೆದದ್ದು ಕೇಳಿಸಲೇ ಇಲ್ಲ. ಕೊನೆಗೆ ಆ ಗೆಳತಿ ಎದ್ದು, “ನಾನು ಡಬ್ಬಿ ಸರಿಸ್ದೆ,” ಅಂದು ಕೂತಳು.

ಮಾರನೇ ದಿನ ಮೂರು ಜನ ಅಪ್ಪಂದಿರು ಹೆಡ್‌ಮಿಸ್ಟ್ರೆಸ್ ಕೋಣೆಗೆ ಬಂದರು. ಅವರು ಹೋದಮೇಲೆ ಹೆಡ್‌ಮಿಸ್ಟ್ರೆಸ್ ನನ್ನನ್ನು ಕರೆದು, “ಪಾಠ ಮಾಡ್ರೀ ಅಂದ್ರೆ ಮನೆಮನೆ ಪಾತ್ರೆ ಪಡಗ ತೆಗೆಸ್ತೀರಲ್ರೀ,” ಅಂತ ತಲೆ ಹಿಡಿದುಕೊಂಡರು. ಬೈಸಿಕೊಂಡೆ. ಬೈಸಿಕೊಳ್ಳುತ್ತಲೇ ಸ್ಕಾಲರ್‌ಷಿಪ್ ಪಟ್ಟಿ ಇನ್ನುಮುಂದೆ ಕ್ಲಾಸಿಗೆ ಬರಕೂಡದು, ಅರ್ಜಿಗಳನ್ನು ಒಬ್ಬೊಬ್ಬರನ್ನೇ ಆಫೀಸಿಗೆ ಕರೆದು ಕೊಡಬೇಕು ಅಂತ ಕೇಳಿದೆ. ಅವರು ಗುಮಾಸ್ತರನ್ನು ಕರೆಸಿ ಹಾಗೇ ಹೇಳಿದರು. ಅಷ್ಟು ಸುಲಭ ಇತ್ತು ಅದು. ಕೆಟ್ಟ ಮೇಲೆ ಬುದ್ಧಿ ಬಂತು.

ಗುರುವಾರ ಅಪ್ಪ, ಮಗಳು ಬಂದರು. ಅಪ್ಪ ಆಫೀಸಿನೊಳಗೆ ಹೋದರು, ಅವಳು ವರಾಂಡದಲ್ಲಿ ನಿಂತಳು. ಯೂನಿಫಾರಂ ಹಾಕಿರಲಿಲ್ಲ, ಹಸಿರು ಲಂಗ ಹಾಕಿದ್ದಳು. ನಾನು ಹತ್ತಿರ ಹೋಗಿ, ತಪ್ಪಾಯಿತು ಅಂದೆ. ನನ್ನ ಜೀವನದಲ್ಲಿ ಒಬ್ಬ ವಿದ್ಯಾರ್ಥಿಗೆ ಹಾಗಂದದ್ದು ಅದೇ ಮೊದಲು.

“ನಿಮ್ಮನೆ ಲೋಟದ ವಿಷ್ಯ ಹೇಳಿದ್ರಂತೆ. ಅವಳು ಮನೆಗೆ ಬಂದು ಹೇಳಿದ್ಲು,” ಅಂದಳು. ಡಬ್ಬಿ ಸರಿಸಿದ ಗೆಳತಿ ಅಷ್ಟು ದೂರ ಒಬ್ಬಳೇ ಹೋಗಿದ್ದಳು. ಅದು ನನಗೆ ಗೊತ್ತೇ ಇರಲಿಲ್ಲ. “ಆ ಲೋಟ ಈಗ ಎಲ್ಲಿದೆ ಮಿಸ್?”

ಸುಳ್ಳು ನಾಲಿಗೆ ತುದಿಗೆ ಬಂದಿತ್ತು. ನುಂಗಿಕೊಂಡೆ. “ಅಲ್ಲೇ ಇದೆ. ಗೋಡೆ ಮೇಲೆ.”

ಅವಳು ಅವತ್ತು ಮೊದಲ ಸಲ ನನ್ನನ್ನು ನೇರವಾಗಿ ನೋಡಿದಳು. “ಬಿಸಾಕ್ದೆ ಅಂತೀರೇನೋ ಅಂದ್ಕೊಂಡಿದ್ದೆ.”

“ಹೆದರಿಕೆ ಕಣೇ. ನಮ್ಮತ್ತೆಗೆ.”

ಅವಳ ತುಟಿಯ ಮೇಲೆ ನಗು ಸುಳಿದು ಹೋಯಿತು. ಒಳಗೆ ಗುಮಾಸ್ತರು ಟಿ.ಸಿ. ಪುಸ್ತಕ ಹುಡುಕುತ್ತಿದ್ದರು. ಅವಳು ಕಿಟಕಿಯಿಂದ ಒಳಗೆ ನೋಡಿ, “ಅಪ್ಪಾ, ಇವತ್ತು ಬೇಡ,” ಅಂದಳು. ಆಮೇಲೆ ನನ್ನ ಕಡೆ ತಿರುಗಿ, “ನಾಳೆ ಬಂದು ಮತ್ತೆ ಕೇಳ್ತೀನಿ, ಲೋಟ ಎಲ್ಲಿದೆ ಅಂತ,” ಅಂದಳು.

ಆ ಸಂಜೆ ಮನೆಗೆಲಸದಾಕೆ ಬರುವ ಹೊತ್ತಿಗೆ ನಾನು ಅಡುಗೆಮನೆಯಲ್ಲಿ ಕಾದಿದ್ದೆ. ಶೆಲ್ಫಿನಿಂದ ನಾವು ಕುಡಿಯುವ ಸ್ಟೀಲ್ ಲೋಟ ತೆಗೆದು ಕಾಫಿ ಹಾಕಿ ಆಕೆಯ ಕೈಗೆ ಕೊಟ್ಟೆ. ಆಕೆ ತೆಗೆದುಕೊಳ್ಳದೆ ಗೋಡೆ ಕಡೆ ನೋಡಿದಳು.

“ನನ್ ಲೋಟ ಎಲ್ಲವ್ವಾ?”

“ಕಸಕ್ಕೆ ಹಾಕ್ದೆ.”

“ಅಯ್ಯೋ, ನನಗ್ ಕೊಟ್ಟಿದ್ರೆ ಗುಜರಿಗಾದ್ರೂ ಹಾಕ್ತಿದ್ನಲ್ಲವ್ವಾ!”

ಅತ್ತೆ ಬಾಗಿಲಲ್ಲಿ ನಿಂತಿದ್ದರು. “ಆ ಸ್ಟೀಲ್ ಲೋಟ ಇನ್ಮೇಲೆ ನಾನು ಮುಟ್ಟಲ್ಲ,” ಅಂದರು. “ಮುಟ್ಬೇಡಿ ಅಮ್ಮಾ, ನಾನು ತೊಳೀತೀನಿ,” ಅಂದೆ. ದನಿ ಗಟ್ಟಿಯಾಗಿಯೇ ಬಂತು, ನನಗೇ ಆಶ್ಚರ್ಯ. ಅತ್ತೆ ತಮ್ಮ ಕಾಫಿಯನ್ನು ಹಾಗೇ ಬಿಟ್ಟು ದೇವರ ಮನೆಗೆ ಹೋಗಿ ಬಾಗಿಲು ಹಾಕಿಕೊಂಡರು. ಮನೆಗೆಲಸದಾಕೆ ಒಂದು ಕಣ್ಣು ಆ ಬಾಗಿಲ ಮೇಲಿಟ್ಟು, ನಿಂತುಕೊಂಡೇ, ಗಟಗಟ ಕುಡಿದು ಮುಗಿಸಿದಳು.

ಶುಕ್ರವಾರ ಬೆಳಿಗ್ಗೆ ನಾನು ಶಾಲೆ ತಲುಪಿದಾಗ ಅವಳು ಗೇಟಿನ ಹತ್ತಿರ ನಿಂತಿದ್ದಳು. ಯೂನಿಫಾರಂ ಹಾಕಿದ್ದಳು, ಹೆಗಲಿಗೆ ಚೀಲ. ನನಗೆ ಓಡಿಹೋಗಿ ತಬ್ಬಿಕೊಳ್ಳಬೇಕು ಅನ್ನಿಸಿತು. ಮತ್ತೆ ಪ್ರದರ್ಶನವಾದೀತು ಅಂತ ಸುಮ್ಮನೆ ನಡೆದು ಹೋದೆ. ಅವಳು ಕೇಳಿದಳು, ನಾನು ಒಂದೂ ಬಿಡದೆ ಹೇಳಿದೆ. ಗುಜರಿಯ ಮಾತಿಗೆ ಅವಳು ಜೋರಾಗಿ ನಕ್ಕಳು.

“ನಿಮ್ಮನೆ ಅಜ್ಜಿ ಇನ್ನೂ ಕಾಫಿ ಕುಡ್ದಿಲ್ವಾ?”

“ಇಲ್ಲ. ನನ್ ಜೊತೆ ಮಾತೂ ಆಡ್ತಿಲ್ಲ. ಮಜ್ಜಿಗೆ ಕುಡ್ದಿದ್ದಾರೆ.”

ಅವಳು ಒಂದು ಕ್ಷಣ ಯೋಚಿಸಿದಳು, ಪರೀಕ್ಷೆಯ ಉತ್ತರ ತಿದ್ದುವವಳಂತೆ.

“ಹಂಗಾದ್ರೆ ಈಗ ನೀವು ಆ ಪಾಠ ಮಾಡ್ಬೋದು ಮಿಸ್,” ಅಂತ ಹೇಳಿ, ನನಗಿಂತ ಮುಂಚೆ ಕ್ಲಾಸಿಗೆ ಹೋದಳು.